ಟಿವಿ ಬೆನ್ನ ಹಿಂದಿನ ಬೆಳಕು: ಕಪ್ಪು ಬಣ್ಣವನ್ನು ಹುಡುಕಿ ಹೋದವರ ಕಥೆ

ಈ ಕಂತಿಗೆ ಕಾರಣ ಕೇಳುಗರೊಬ್ಬರು ಕಳಿಸಿದ ವಾಯ್ಸ್ ಮೆಸೇಜ್. ಕೆಲಸಕ್ಕೆ ಸೇರಿ ಮೂರು ವರ್ಷ ಆಗಿದೆ, ಮೊದಲ ಸಲ ಕೈಯಲ್ಲಿ ಸ್ವಲ್ಪ ದುಡ್ಡು ಉಳಿದಿದೆ. ಊರಲ್ಲಿರೋ ಅಪ್ಪ-ಅಮ್ಮನಿಗೆ ಒಂದು ಒಳ್ಳೇ ಟಿವಿ ಕೊಡಿಸಬೇಕಂತೆ, ಒಂದೂವರೆ ಲಕ್ಷದ ತನಕ ಹಾಕೋಕೆ ರೆಡಿ. ಅವರ ಪ್ರಶ್ನೆ: ಓಎಲ್‌ಇಡಿ ತಗೊಳ್ಳಲಾ, ಮಿನಿ ಎಲ್‌ಇಡಿ ತಗೊಳ್ಳಲಾ? ಆಮೇಲೆ, ಟಿವಿ ಹಿಂದೆ ಗೋಡೆ ಮೇಲೆ ಬಣ್ಣಬಣ್ಣದ ಲೈಟ್ ಬರುತ್ತಲ್ಲ, ಅದು ನಿಜವಾಗ್ಲೂ ಬೇಕಾ, ಬರೀ ಶೋಕಿನಾ?

ಆ 'ಶೋಕಿ' ಅನ್ನೋ ಮಾತಿನ ಬೆನ್ನು ಹತ್ತಿ ಹೋದೆ. ಅದು ನನ್ನನ್ನ 70 ವರ್ಷ ಹಿಂದಕ್ಕೆ ಕರ್ಕೊಂಡು ಹೋಯ್ತು.

1950ರ ದಶಕದ ಮೊದಲ ವರ್ಷಗಳು, ಅಮೆರಿಕ. ಸಿಲ್ವೇನಿಯಾ ಅನ್ನೋ ಕಂಪನಿ 'ಹೇಲೋಲೈಟ್' ಅಂತ ಒಂದು ಟಿವಿ ಮಾರ್ತಿತ್ತು. ಕಪ್ಪು-ಬಿಳುಪು ಪರದೆಯ ಸುತ್ತ, ಫೋಟೋಗೆ ಚೌಕಟ್ಟು ಹಾಕಿದ ಹಾಗೆ, ಮಂದವಾಗಿ ಉರಿಯೋ ಒಂದು ಬೆಳಕಿನ ಪಟ್ಟಿ. ಕಣ್ಣಿಗೆ ಹಿತ ಅನ್ನೋದೇ ಅದರ ಜಾಹೀರಾತು. ಸಿಲ್ವೇನಿಯಾ ಮೂಲತಃ ಬಲ್ಬು, ಟ್ಯೂಬ್‌ಲೈಟ್ ಮಾಡೋ ಕಂಪನಿ. ಇದನ್ನ ನೆನಪಿಟ್ಕೊಳ್ಳಿ, ಮುಂದೆ ಇನ್ನೊಂದು ಬಲ್ಬಿನ ಕಂಪನಿ ಬರುತ್ತೆ.

ನಮ್ಮ ಮನೆಗಳಲ್ಲಿ ಈ ಕೆಲಸ ಮಾಡ್ತಿದ್ದಿದ್ದು ಜೀರೋ ಬಲ್ಬ್. 'ಕತ್ತಲಲ್ಲಿ ಕೂತು ಟಿವಿ ನೋಡಬೇಡ್ರೋ, ಕಣ್ಣು ಹಾಳಾಗುತ್ತೆ' ಅಂತ ಅಜ್ಜಿ ಬೈದು, ಲೈಟ್ ಹಾಕಿ ಹೋಗ್ತಿದ್ರು. ಕಣ್ಣು ಹಾಳಾಗಲ್ಲ ಬಿಡಿ. ಆದರೆ ದಣಿಯೋದು ನಿಜ. ಕಗ್ಗತ್ತಲ ಕೋಣೆಯಲ್ಲಿ ಒಂದೇ ಒಂದು ಹೊಳೆಯೋ ಚೌಕ ಇದ್ದರೆ, ದೃಶ್ಯ ಬದಲಾದಾಗಲೆಲ್ಲ ಕಣ್ಣಿನ ಪಾಪೆ ಹಿಗ್ಗಿ ಕುಗ್ಗಿ ಸುಸ್ತಾಗುತ್ತೆ.

ಆ ಬೆಳಕು ಇನ್ನೊಂದು ಕೆಲಸವನ್ನೂ ಮಾಡ್ತಿತ್ತು, ನನಗೆ ಹೆಚ್ಚು ಕುತೂಹಲ ಅದರ ಬಗ್ಗೆ. ಹಳೇ ಡಬ್ಬಾ ಟಿವಿ ಆಫ್ ಮಾಡಿದಾಗ ಗಾಜು ಯಾವ ಬಣ್ಣ ಇರ್ತಿತ್ತು, ನೆನಪಿದೆಯಾ? ಬೂದು. ಲೈಟ್ ಹಾಕಿರೋ ಕೋಣೆಯಲ್ಲಿ ಆ ಟಿವಿಗೆ ಆ ಬೂದು ಬಣ್ಣಕ್ಕಿಂತ ಕಪ್ಪಾದ ಏನನ್ನೂ ತೋರಿಸೋಕೆ ಸಾಧ್ಯವೇ ಇರಲಿಲ್ಲ, ಯಾಕಂದ್ರೆ ಟಿವಿ ಬೆಳಕು ಕೊಡುತ್ತೆ, ಕತ್ತಲನ್ನ ಕೊಡಲ್ಲ. ಆದರೂ ಅದರಲ್ಲಿ ಹೀರೋನ ಕೂದಲು, ಮೀಸೆ ಕಡುಕಪ್ಪಾಗೇ ಕಾಣ್ತಿತ್ತು. ಅಂದರೆ ಕಪ್ಪು ಇದ್ದಿದ್ದು ಪರದೆಯಲ್ಲಲ್ಲ, ನಮ್ಮ ತಲೆಯಲ್ಲಿ. ಸುತ್ತಮುತ್ತ ಎಷ್ಟು ಬೆಳಕಿದೆ ಅಂತ ನೋಡಿ, ಯಾವುದು ಕಪ್ಪು ಅಂತ ಮಿದುಳು ತೀರ್ಮಾನ ಮಾಡುತ್ತೆ.

ಇದನ್ನ ಅಳತೆ ಹಾಕಿ ಬರೆದವರು ಬಾರ್ಟಲ್‌ಸನ್ ಮತ್ತು ಬ್ರೆನೆಮನ್, ಕೊಡಾಕ್ ಕಂಪನಿಯ ಇಬ್ಬರು ಸಂಶೋಧಕರು, 1967ರಲ್ಲಿ. ಚಿತ್ರದ ಸುತ್ತಲಿನ ಬೆಳಕು ಹೆಚ್ಚಿದಷ್ಟೂ ಅದರ ಕಪ್ಪು-ಬಿಳುಪಿನ ಅಂತರ ಹೆಚ್ಚಿದ ಹಾಗೆ ಕಣ್ಣಿಗೆ ಕಾಣುತ್ತೆ ಅನ್ನೋದು ಅವರು ಕಂಡುಕೊಂಡಿದ್ದು. ಹಾಗಂತ ಟ್ಯೂಬ್‌ಲೈಟ್ ತಂದು ಪರದೆ ಮುಂದೆ ಉರಿಸಿದ್ರೆ ಗಾಜು ಪ್ರತಿಫಲಿಸಿ ಎಲ್ಲಾ ತೊಳೆದುಹೋಗುತ್ತೆ. ಬೆಳಕು ಪರದೆಯ ಹಿಂದಿನ ಗೋಡೆ ಮೇಲೆ ಬೀಳಬೇಕು, ಪರದೆ ಮೇಲೆ ಬೀಳಬಾರದು.

ಈಗ ಆ ಇನ್ನೊಂದು ಬಲ್ಬಿನ ಕಂಪನಿಗೆ ಬರೋಣ. ನೆದರ್ಲ್ಯಾಂಡ್ಸ್‌ನ ಐಂಡ್‌ಹೋವನ್ ಊರಲ್ಲಿ 1891ರಲ್ಲಿ ಬಲ್ಬ್ ಮಾಡೋಕೆ ಶುರುವಾದ ಫಿಲಿಪ್ಸ್. 2000ದ ನಂತರ ಚಪ್ಪಟೆ ಎಲ್‌ಸಿಡಿ ಟಿವಿಗಳು ಬಂದ್ವಲ್ಲ, ಅವುಗಳ ದೊಡ್ಡ ದೌರ್ಬಲ್ಯವೇ ಕಪ್ಪು. ಹಿಂದುಗಡೆ ಲೈಟ್ ಸದಾ ಉರೀತಾನೇ ಇರೋದ್ರಿಂದ ಅದು ಸೋರಿ, ರಾತ್ರಿಯ ದೃಶ್ಯ ಅಂದರೆ ನೀಲಿ ಬೆರೆತ ಮಂಜು. ಫಿಲಿಪ್ಸ್ 2004ರಲ್ಲಿ 'ಆಂಬಿಲೈಟ್' ತಂತು: ಟಿವಿ ಹಿಂದಿನಿಂದ ಗೋಡೆಗೆ ಬೆಳಕು, ಅದೂ ಪರದೆ ಮೇಲಿನ ಬಣ್ಣಕ್ಕೆ ತಕ್ಕ ಹಾಗೆ ಬದಲಾಗೋ ಬೆಳಕು. ಮೊದಲ ಮಾದರಿಗಳಲ್ಲಿ ಎಡಕ್ಕೆ, ಬಲಕ್ಕೆ ಮಾತ್ರ ಇತ್ತು. ಆಮೇಲೆ ಎಲ್‌ಇಡಿ ಬಂದು ಮೂರು ಕಡೆ, ನಾಲ್ಕು ಕಡೆ ಆಯ್ತು. ಮೈಮರೆಸೋ ಅನುಭವ ಅಂತ ಮಾರಿದ್ರು. ನನ್ನ ಅಭಿಪ್ರಾಯ ಕೇಳಿದ್ರೆ, ಎಲ್‌ಸಿಡಿಯ ಬೂದು ಬಣ್ಣವನ್ನ ಕಪ್ಪು ಅಂತ ಕಣ್ಣಿಗೆ ಒಪ್ಪಿಸಿದ್ದೇ ಅದರ ದೊಡ್ಡ ಉಪಕಾರ. ಅಜ್ಜಿಯ ಜೀರೋ ಬಲ್ಬಿಗೆ ಸಾಫ್ಟ್‌ವೇರ್ ಹಾಕಿದ ಹಾಗೆ.

ಒಂದು ತಮಾಷೆ ನೋಡಿ. 2012ರಲ್ಲಿ ಫಿಲಿಪ್ಸ್ ತನ್ನ ಟಿವಿ ವ್ಯವಹಾರವನ್ನ ಟಿಪಿವಿ ಜತೆಗಿನ ಜಂಟಿ ಕಂಪನಿಗೆ ಕೊಡ್ತು, ಎರಡು ವರ್ಷದಲ್ಲಿ ತನ್ನ ಪಾಲನ್ನೂ ಬಿಟ್ಟುಕೊಡ್ತು. 2016ರಲ್ಲಿ ಬಲ್ಬಿನ ವ್ಯವಹಾರವೂ ಬೇರೆಯಾಯ್ತು, ಈಗ ಅದರ ಹೆಸರು ಸಿಗ್ನಿಫೈ. ಅಂದರೆ ಫಿಲಿಪ್ಸ್ ಹೆಸರಿನ ಟಿವಿ, ಫಿಲಿಪ್ಸ್ ಹೆಸರಿನ ಬಲ್ಬ್, ಎರಡನ್ನೂ ಇವತ್ತು ಬೇರೆಯವರೇ ಮಾಡ್ತಾರೆ.

ಕಣ್ಣನ್ನ ನಂಬಿಸೋದು ಬೇಡ, ನಿಜವಾದ ಕಪ್ಪನ್ನೇ ಮಾಡ್ತೀವಿ ಅಂತ ಹಟ ಹಿಡಿದವರೂ ಇದ್ದರು. ಜಪಾನಿನ ಪಯೋನಿಯರ್ 2007ರಲ್ಲಿ ತನ್ನ ಪ್ಲಾಸ್ಮಾ ಟಿವಿಗೆ ಇಟ್ಟ ಹೆಸರೇ 'ಕುರೋ'. ಜಪಾನಿ ಭಾಷೆಯಲ್ಲಿ ಕಪ್ಪು ಅಂತ ಅರ್ಥ. ನೋಡಿದವರೆಲ್ಲ ಹೊಗಳಿದ್ರು, ಕೊಂಡವರು ಕಮ್ಮಿ. 2009ರ ಫೆಬ್ರವರಿಯಲ್ಲಿ ಪಯೋನಿಯರ್ ಟಿವಿ ವ್ಯಾಪಾರದಿಂದಲೇ ಹೊರಗೆ ಹೋಗ್ತೀವಿ ಅಂತ ಘೋಷಿಸ್ತು. ಒಳ್ಳೇ ಮಾಲು ಮಾಡಿ ಅಂಗಡಿ ಮುಚ್ಚಿದ ಕಥೆಗಳಲ್ಲಿ ಇದು ನನಗೆ ಯಾವತ್ತೂ ಬೇಜಾರು ತರಿಸುತ್ತೆ.

ಅದೇ ವರ್ಷದ ಕೊನೆಗೆ ಎಲ್‌ಜಿ ಒಂದು ಖರೀದಿ ಮಾಡ್ತು: ಕೊಡಾಕ್‌ನ ಓಎಲ್‌ಇಡಿ ವ್ಯವಹಾರ. ಹೌದು, ಅದೇ ಕೊಡಾಕ್. ಅಲ್ಲಿನ ಚಿಂಗ್ ಟ್ಯಾಂಗ್ ಮತ್ತು ಸ್ಟೀವನ್ ವ್ಯಾನ್ ಸ್ಲೈಕ್ 1987ರಲ್ಲೇ ತೆಳು ಸಾವಯವ ಪದರಗಳಿಂದ ಬೆಳಕು ಹೊರಡಿಸೋ ಸಾಧನದ ಬಗ್ಗೆ ಪ್ರಬಂಧ ಬರೆದಿದ್ದರು. ಇದರಲ್ಲಿ ಒಂದೊಂದು ಚುಕ್ಕಿಯೂ ತಾನೇ ಉರಿಯುತ್ತೆ, ತಾನೇ ಆರುತ್ತೆ. ಆರಿದ ಚುಕ್ಕಿ ನಿಜವಾಗಲೂ ಕಪ್ಪು. ಸೋನಿ 2007ರಲ್ಲಿ 11 ಇಂಚಿನ ಓಎಲ್‌ಇಡಿ ಟಿವಿಯನ್ನ 2 ಲಕ್ಷ ಯೆನ್‌ಗೆ ಮಾರಿತ್ತು. ಎಲ್‌ಜಿಯ 55 ಇಂಚಿನದ್ದು 2013ರ ಜನವರಿಯಲ್ಲಿ ಕೊರಿಯಾದಲ್ಲಿ ಮಾರಾಟಕ್ಕೆ ಬಂತು. ಎಲ್‌ಸಿಡಿ ಪಾಳಯದ ಉತ್ತರವೇ ಮಿನಿ ಎಲ್‌ಇಡಿ: ಪರದೆ ಹಿಂದೆ ಸಾವಿರಾರು ಪುಟ್ಟ ದೀಪ, ಬೇಕಾದ ಕಡೆ ಉರಿಸು, ಬೇಡವಾದ ಕಡೆ ಆರಿಸು.

ಸೌಂಡ್ ವಿಷಯ ಬೇಗ ಹೇಳಿ ಮುಗಿಸ್ತೀನಿ, ಅದರ ಕಥೆ ಇಳಿಜಾರಿನದ್ದು. ಡಬ್ಬಾ ಟಿವಿಯ ಹೊಟ್ಟೆಯಲ್ಲಿ ಸ್ಪೀಕರಿಗೆ ಜಾಗ ಇತ್ತು. ಟಿವಿ ತೆಳ್ಳಗಾದಷ್ಟೂ ಸ್ಪೀಕರ್ ಚಿಕ್ಕದಾಗಿ ಕೆಳಗೆ ಮುಖ ಮಾಡ್ತು. ತಳಮಟ್ಟದ ದಪ್ಪ ದನಿಗೆ ಗಾಳಿಯನ್ನ ತಳ್ಳಬೇಕು, ತಳ್ಳೋಕೆ ಜಾಗ ಬೇಕು. ಸೋನಿ 2017ರಲ್ಲಿ ಓಎಲ್‌ಇಡಿ ಪರದೆಯನ್ನೇ ನಡುಗಿಸಿ ಅದರಿಂದಲೇ ಮಾತು ಹೊರಡಿಸ್ತು, ಫಿಲಿಪ್ಸ್ ಹೆಸರಿನವರು ಬವರ್ಸ್ ಆಂಡ್ ವಿಲ್ಕಿನ್ಸ್ ಸ್ಪೀಕರ್ ಸೇರಿಸಿದ್ರು. ಉಳಿದ ಬಹುತೇಕ ಟಿವಿಗಳ ಮೇಲಿನ 'ಡಾಲ್ಬಿ ಅಟ್ಮಾಸ್' ಚೀಟಿಯನ್ನ ನಂಬಿ ದುಡ್ಡು ಕೊಡಬೇಡಿ. ಆ ಚೀಟಿ ಸಿಗ್ನಲ್ ಅರ್ಥ ಆಗುತ್ತೆ ಅಂತ ಹೇಳುತ್ತೆ, ಸದ್ದು ತಲೆ ಮೇಲಿಂದ ಬರುತ್ತೆ ಅಂತ ಅಲ್ಲ.

ಹಾಗಾದ್ರೆ ಒಂದೂವರೆ ಲಕ್ಷ? ಟಿವಿಗಿಂತ ಮೊದಲು ಹಾಲ್ ನೋಡಿ. ಅಪ್ಪ-ಅಮ್ಮ ನೋಡೋದು ಹಗಲು, ಎದುರಿಗೆ ಕಿಟಕಿ, ಬಾಗಿಲು ತೆರೆದೇ ಇರುತ್ತೆ ಅಂದ್ರೆ ಓಎಲ್‌ಇಡಿಯ ಆ ಕಡುಕಪ್ಪು ಗಾಜಿನ ಮೇಲಿನ ಪ್ರತಿಬಿಂಬದಲ್ಲೇ ಕಳೆದುಹೋಗುತ್ತೆ. ಅಲ್ಲಿಗೆ ಹೆಚ್ಚು ಪ್ರಖರವಾದ ಮಿನಿ ಎಲ್‌ಇಡಿ ಸಾಕು. ಇನ್ನೊಂದು ಕಾರಣವೂ ಇದೆ. ಬೆಳಗಿಂದ ರಾತ್ರಿ ತನಕ ಒಂದೇ ನ್ಯೂಸ್ ಚಾನೆಲ್, ಕೆಳಗೆ ಅದೇ ಕೆಂಪು ಪಟ್ಟಿ, ಮೂಲೆಯಲ್ಲಿ ಅದೇ ಲೋಗೋ ಇರೋ ಮನೆಯಲ್ಲಿ ಓಎಲ್‌ಇಡಿ ಚುಕ್ಕಿಗಳು ಆ ಜಾಗದಲ್ಲಿ ಬೇಗ ಸವೆದು, ಗುರುತು ಉಳಿಯೋ ಅಪಾಯ ಇದೆ. ರಾತ್ರಿ ಲೈಟ್ ಆರಿಸಿ ಸಿನಿಮಾ ನೋಡೋ ಮನೆ ಆದ್ರೆ ಮಾತೇ ಇಲ್ಲ, ಓಎಲ್‌ಇಡಿ.

ಶೋರೂಮಿನಲ್ಲಿ ರಿಮೋಟ್ ಕೇಳಿ. ಅಲ್ಲಿನ ಟಿವಿಗಳೆಲ್ಲ ಕಣ್ಣು ಕುಕ್ಕೋ 'ವಿವಿಡ್' ಮೋಡ್‌ನಲ್ಲಿರುತ್ತೆ. 'ಸಿನಿಮಾ' ಅಥವಾ 'ಫಿಲ್ಮ್‌ಮೇಕರ್' ಮೋಡಿಗೆ ಹಾಕಿಸಿ, ಕತ್ತಲಲ್ಲಿ ದೀಪ ಉರೀತಿರೋ ದೃಶ್ಯ ಪ್ಲೇ ಮಾಡಿಸಿ, ದೀಪದ ಸುತ್ತ ಬೂದಿಯಂಥ ಪ್ರಭೆ ಎಷ್ಟು ಹರಡುತ್ತೆ ನೋಡಿ. ಸೇಲ್ಸ್‌ನವರು ಮುಖ ಗಂಟು ಹಾಕ್ಕೊಂಡ್ರೂ ಪರವಾಗಿಲ್ಲ, ದುಡ್ಡು ನಿಮ್ಮದು. ಬಜೆಟ್ಟಿನಲ್ಲಿ ಒಂದು ಪಾಲನ್ನ ಸೌಂಡ್‌ಬಾರಿಗೆ ಎತ್ತಿಡಿ, ಟಿವಿಯಲ್ಲಿ ಇ-ಆರ್ಕ್ ಪೋರ್ಟ್ ಇದೆಯಾ ಕೇಳಿ. ವಯಸ್ಸಾದವರಿಗೆ ಬೇಕಾಗಿರೋದು ಗುಡುಗಲ್ಲ, ಮಾತು ಸ್ಪಷ್ಟವಾಗಿ ಕೇಳಿಸೋದು.

ಇನ್ನು ಹಿಂದಿನ ಲೈಟು. ಅದು ಶೋಕಿ ಅಲ್ಲ, ಆದರೆ ಅದಕ್ಕೋಸ್ಕರವೇ ಹೆಚ್ಚು ಬೆಲೆಯ ಟಿವಿ ಕೊಳ್ಳಬೇಕಾಗಿಯೂ ಇಲ್ಲ. ಕಲರ್ ಸರಿಪಡಿಸೋ ಸ್ಟುಡಿಯೋಗಳಲ್ಲಿ ಪರದೆ ಹಿಂದೆ ಹಾಕೋದು ಕುಣಿಯೋ ಬಣ್ಣಗಳನ್ನಲ್ಲ, ಅಲುಗದ, ಮಂದವಾದ ಬಿಳಿ ಬೆಳಕು, ಸುಮಾರು 6500 ಕೆಲ್ವಿನ್‌ನದ್ದು. ಟಿವಿ ಚಿತ್ರದ ಬಿಳಿಗೂ ಅದೇ ಅಳತೆ. ಅಂಥ ಎಲ್‌ಇಡಿ ಪಟ್ಟಿಯನ್ನ ಯಾವ ಟಿವಿಗಾದ್ರೂ ಅಂಟಿಸಿ, ಯುಎಸ್‌ಬಿಗೆ ಚುಚ್ಚಬಹುದು. ಕ್ರಿಕೆಟ್, ಗೇಮ್‌ಗೆ ಬಣ್ಣದ ಲೈಟ್ ಮಜಾ ಕೊಡುತ್ತೆ, ನಾನು ಬೇಡ ಅನ್ನಲ್ಲ. ಸಿನಿಮಾಗೆ ಮಾತ್ರ ಬಿಳಿಯೇ ಇರಲಿ. ಒಂದು ವಿಷಯ, ಗೋಡೆಗೆ ಗಿಳಿಹಸಿರೋ ಗುಲಾಬಿಯೋ ಬಳಿದಿದ್ರೆ ಬಿಳಿ ಬೆಳಕೂ ಅದೇ ಬಣ್ಣಕ್ಕೆ ತಿರುಗುತ್ತೆ. ಟಿವಿ ಹಿಂದಿನ ಅಷ್ಟು ಜಾಗಕ್ಕೆ ಬಿಳಿಯೋ ತಿಳಿ ಬೂದಿಯೋ ಬಳಿಸಿ. ಅಮ್ಮನ ಒಪ್ಪಿಗೆ ತಗೊಂಡೇ ಬಳಿಸಿ.

ಇದ್ದಿದ್ದಿಷ್ಟು. ಏನು ತಗೊಂಡ್ರಿ ಅಂತ ಇನ್ನೊಂದು ವಾಯ್ಸ್ ಮೆಸೇಜ್ ಹಾಕಿ.