ದೇವರ ಹೆಸರಿನಲ್ಲಿ ಲೆಕ್ಕ ಬರೆದ ವರ್ತಕ: ಪ್ರಾತೊ ನಗರದ ಫ್ರಾನ್ಸೆಸ್ಕೊ ದಾತೀನಿ

ಶತಮಾನೋತ್ಸವದ ಸ್ಮರಣ ಸಂಚಿಕೆಯೆಂದ ಮೇಲೆ ಧರ್ಮಗುರುಗಳ ಸೇವಾವಧಿ, ಗಂಟೆಗೋಪುರ ಕಟ್ಟಿದ ವರ್ಷ, ಪೀಠಕ್ಕೆ ಅಮೃತಶಿಲೆ ಒದಗಿಸಿದ ದಾನಿಗಳ ನಾಮಾವಳಿ ಇವೆಲ್ಲ ಇರತಕ್ಕವೇ. ದಾನಿಯ ಹೆಸರನ್ನು ನಾವು ಕಲ್ಲಿನಲ್ಲಿ ಕೆತ್ತಿಸುತ್ತೇವೆ. ಆತನು ಆ ಹಣವನ್ನು ಹೇಗೆ ಸಂಪಾದಿಸಿದನು, ಸಂಪಾದಿಸುವಾಗ ಅವನ ಅಂತರಂಗದಲ್ಲಿ ಏನೇನು ನಡೆಯಿತು ಎಂಬುದನ್ನು ಮಾತ್ರ ಕಲ್ಲು ಹೇಳುವುದಿಲ್ಲ. ಕಾಫಿ, ಕರಿಮೆಣಸು, ಗೇರುಬೀಜ, ಹೆಂಚುಗಳನ್ನು ಹಡಗಿಗೇರಿಸಿ ಬಾಳಿದವರ ವಂಶಸ್ಥರು ಅನೇಕರಿರುವ ಈ ಕರಾವಳಿಯಲ್ಲಿ ಅಂಥ ಪ್ರಶ್ನೆ ಪರಕೀಯವಲ್ಲ. ಆದರೆ ನಮ್ಮ ಹಿರಿಯರು ತಮ್ಮ ಕಾಗದಪತ್ರಗಳನ್ನು ಉಳಿಸಿ ಹೋದದ್ದು ಕಡಿಮೆ. ಉಳಿಸಿ ಹೋದ ಒಬ್ಬನನ್ನು ಕಾಣಬೇಕಾದರೆ ಆರು ಶತಮಾನಗಳಷ್ಟು ಹಿಂದಕ್ಕೆ, ಇಟಲಿ ದೇಶದ ತುಸ್ಕನಿ ಪ್ರಾಂತ್ಯದ ಪ್ರಾತೊ ಎಂಬ ಪಟ್ಟಣಕ್ಕೆ ಹೋಗಬೇಕಾಗುತ್ತದೆ.

ಫ್ರಾನ್ಸೆಸ್ಕೊ ದಾತೀನಿ ಸುಮಾರು 1335ರಲ್ಲಿ ಅಲ್ಲಿ ಜನಿಸಿದನು. ಅವನು ಏಳೆಂಟು ವರ್ಷದ ಬಾಲಕನಾಗಿದ್ದ ಕಾಲಕ್ಕೆ ಅರಬ್ ಯಾತ್ರಿಕ ಇಬ್ನ್ ಬತೂತ ನಮ್ಮ ಮಂಗಳೂರಿಗೆ ಬಂದು, ಇಲ್ಲಿ ಮೆಣಸು ಶುಂಠಿಗಳು ಹೇರಳವೆಂದೂ ಪಾರಸಿ ದೇಶದ ಹಾಗೂ ಯೆಮೆನಿನ ವರ್ತಕರು ಇಲ್ಲಿಗೆ ಬರುತ್ತಾರೆಂದೂ ದಾಖಲಿಸಿದನು. ಪಶ್ಚಿಮ ಕರಾವಳಿಯ ಆ ಮೆಣಸು ಅರಬರ ಕೈಯಿಂದ ಈಜಿಪ್ಟಿಗೆ, ಅಲ್ಲಿಂದ ಇಟಲಿಯ ಹಡಗುಗಳಿಗೆ ಸೇರುತ್ತಿತ್ತು. ಮುಂದೆ ದಾತೀನಿಯ ಲೆಕ್ಕದ ಪುಸ್ತಕಗಳಲ್ಲಿ ಅದರ ಧಾರಣೆಯೂ ಕಾಣಿಸಿಕೊಂಡಿತು. ವಾಸ್ಕೋ ಡ ಗಾಮ ಕಲ್ಲಿಕೋಟೆಗೆ ಬರಲು ಆಗಿನ್ನೂ ಒಂದು ಶತಮಾನ ಬಾಕಿ ಇತ್ತು.

ಅವನ ತಂದೆ ಸಾಮಾನ್ಯ ಪಾನಗೃಹವೊಂದನ್ನು ನಡೆಸುತ್ತಿದ್ದವನು. 1348ರ ಮಹಾಮಾರಿಯಲ್ಲಿ ತಂದೆ, ತಾಯಿ ಹಾಗೂ ಇಬ್ಬರು ಒಡಹುಟ್ಟಿದವರು ತೀರಿಕೊಂಡರು. ಫ್ರಾನ್ಸೆಸ್ಕೊ ಮತ್ತು ತಮ್ಮ ಸ್ತೇಫಾನೊ ಇಬ್ಬರೇ ಉಳಿದರು. ಪಿಯೇರ ಎಂಬ ಸಾಧ್ವಿಯೊಬ್ಬಳು ಈ ಅನಾಥರನ್ನು ಸಾಕಿದಳು. ಅವಳನ್ನು ಆತನು ಕೊನೆಯವರೆಗೂ ತಾಯಿಯೆಂದೇ ಭಾವಿಸಿದನು. ಕೆಲಕಾಲ ಫ್ಲಾರೆನ್ಸಿನಲ್ಲಿ ಅಂಗಡಿ ಕೆಲಸ ಕಲಿತು, ಪಿತ್ರಾರ್ಜಿತವಾಗಿ ಬಂದ ತುಂಡು ಭೂಮಿಯನ್ನು 150 ಫ್ಲಾರಿನ್ ನಾಣ್ಯಗಳಿಗೆ ಮಾರಿ, 1350ರಲ್ಲಿ ಹದಿನೈದರ ಹುಡುಗನು ಆವಿನ್ಯೋನಿಗೆ ಹೊರಟನು. ಫ್ಲಾರಿನ್ ಎಂದರೆ ಸುಮಾರು ಮೂರೂವರೆ ಗ್ರಾಂ ತೂಕದ ಅಪ್ಪಟ ಚಿನ್ನದ ನಾಣ್ಯ.

1309ರಿಂದ 1377ರ ತನಕ ಜಗದ್ಗುರುಗಳು ರೋಮನ್ನು ಬಿಟ್ಟು ಆವಿನ್ಯೋನಿನಲ್ಲಿ ನೆಲೆಸಿದ್ದರೆಂಬುದು ಧರ್ಮಸಭೆಯ ಚರಿತ್ರೆಯನ್ನು ಓದಿದವರಿಗೆ ತಿಳಿದೇ ಇದೆ. ಪೋಪರ ಆಸ್ಥಾನವಿದ್ದಲ್ಲಿ ಕಾರ್ಡಿನಲರು, ರಾಯಭಾರಿಗಳು, ಬೇಡಿಕೆಯ ಜನರು ತುಂಬಿದ್ದರು, ವರ್ತಕರೂ ತುಂಬಿದ್ದರು. ದಾತೀನಿ ಅಲ್ಲಿ ಮೊದಲು ಹಣ ಗಳಿಸಿದ್ದು ಯುದ್ಧದ ಕವಚ ಹಾಗೂ ಆಯುಧಗಳಿಂದ. ಮಿಲಾನಿನಿಂದ ಕವಚ ತರಿಸಿ, ಕೊಳ್ಳಲು ಬಂದವನು ಯಾವ ಪಕ್ಷದವನೆಂದು ಕೇಳದೆ ಮಾರಿದನು. ಅದೇ ಅಂಗಡಿಯಲ್ಲಿ ಉಪ್ಪು, ಕೇಸರಿ, ಬಟ್ಟೆ, ಫ್ಲಾರೆನ್ಸಿನಿಂದ ಬಂದ ಮರಿಯ ಮಾತೆಯ ಚಿತ್ರಪಟಗಳು ಎಲ್ಲವೂ ದೊರೆಯುತ್ತಿದ್ದವು. ಖಡ್ಗವೂ ದೇವಮಾತೆಯ ಪಟವೂ ಒಂದೇ ಲೆಕ್ಕದ ಪುಟದಲ್ಲಿ! ಇದನ್ನು ಓದಿ ನಮಗೆ ಕಸಿವಿಸಿಯಾಗುವುದು ಸಹಜ. ಅವನಿಗೆ ಆಗಲಿಲ್ಲವೆಂದೇ ತೋರುತ್ತದೆ.

ನಲವತ್ತು ದಾಟಿದ ಮೇಲೆ, 1376ರಲ್ಲಿ, ಫ್ಲಾರೆನ್ಸ್ ಮೂಲದ ಮಾರ್ಗರೀತ ಎಂಬ ತರುಣಿಯನ್ನು ವರಿಸಿದನು. ಜನವರಿ 1383ರಲ್ಲಿ ಪ್ರಾತೊಗೆ ಮರಳಿ, ಅಲ್ಲಿಂದ ವ್ಯಾಪಾರವನ್ನು ಹರಡತೊಡಗಿದನು. ಪೀಸ, ಫ್ಲಾರೆನ್ಸ್, ಜೆನೋವ, ಬಾರ್ಸಿಲೋನ, ವಲೆನ್ಸಿಯ, ಮಯೋರ್ಕ ಹೀಗೆ ಒಂದೊಂದು ಊರಿನಲ್ಲಿ ಒಂದೊಂದು ಪಾಲುದಾರಿಕೆಯ ಸಂಸ್ಥೆ. ಒಂದು ಮುಳುಗಿದರೆ ಮತ್ತೊಂದು ಮುಳುಗಬಾರದೆಂದು ಪ್ರತಿಯೊಂದರ ಲೆಕ್ಕವೂ ಬೇರೆ. ಎಲ್ಲದರಲ್ಲೂ ಮುಖ್ಯ ಪಾಲು ಮಾತ್ರ ಅವನದು. ಇಂಗ್ಲೆಂಡಿನ ಉಣ್ಣೆ ತರಿಸಿದನು, ತುಸ್ಕನಿಯ ಬಟ್ಟೆಯನ್ನು ಸ್ಪೇಯ್ನಿಗೆ ಕಳುಹಿಸಿದನು.

ಆ ಕಾಲದ ರಫ್ತು ವ್ಯಾಪಾರ ಎಷ್ಟು ತಾಳ್ಮೆಯದೆಂಬುದಕ್ಕೆ ಅವನ ಕಡತದಲ್ಲಿಯೇ ಒಂದು ನಿದರ್ಶನವುಂಟು. ನವೆಂಬರ್ 1394ರಲ್ಲಿ ಸ್ಪೇಯ್ನಿನ ದ್ವೀಪಗಳ ಉಣ್ಣೆಗೆ ಬೇಡಿಕೆ ಹೋಯಿತು. ಮುಂದಿನ ಬೇಸಗೆಯಲ್ಲಿ ಕುರಿಗಳ ಉಣ್ಣೆ ಕತ್ತರಿಸಿಯಾದ ಬಳಿಕವೇ ಸರಕು ಹಡಗೇರಬೇಕು. ಅದು ಪೀಸದಲ್ಲಿ ಇಳಿದು ಪ್ರಾತೊ ಸೇರಿದ ಮೇಲೆ ತೊಳೆಯುವವರು, ಹಿಂಜುವವರು, ಹಳ್ಳಿಯ ಮನೆಗಳಲ್ಲಿ ನೂಲುವ ಹೆಂಗಸರು, ನೇಕಾರರು, ಬಣ್ಣ ಹಾಕುವವರು ಎಂದು ಹತ್ತಾರು ಕೈಗಳನ್ನು ದಾಟಿ ಬಟ್ಟೆಯಾಯಿತು. ಆ ಬಟ್ಟೆ ಮತ್ತೆ ಉಣ್ಣೆ ಬಂದ ದಾರಿಯಲ್ಲೇ ಸ್ಪೇಯ್ನಿನ ಕಡೆಗೆ ಹೊರಟಿತು. ಕೊನೆಯ ತುಂಡು ಮಾರಾಟವಾದಾಗ 1398. ಅಂದರೆ ಮೂರು ವರ್ಷಕ್ಕೂ ಮೀರಿದ ಕಾಲ. ನಡುವೆ ಕಡಲ್ಗಳ್ಳರ ಭಯ, ಬಿರುಗಾಳಿಯ ಭಯ, ಸುಂಕದವರ ಕಾಟ; ಲಾಭವೋ ನೂರಕ್ಕೆ ಹತ್ತನ್ನೂ ಮುಟ್ಟಲಿಲ್ಲ. ಅವನು ಹಡಗಿನ ಸರಕಿಗೆ ವಿಮೆ ಮಾಡಿಸುತ್ತಿದ್ದುದು, ಒಂದೇ ಪತ್ರದ ಪ್ರತಿಗಳನ್ನು ಬೇರೆ ಬೇರೆ ಹಡಗುಗಳಲ್ಲಿ ಕಳುಹಿಸುತ್ತಿದ್ದುದು ಸುಮ್ಮನೆ ಅಲ್ಲ. ನಿದ್ರೆಗೆಟ್ಟು ರಾತ್ರಿಯೆಲ್ಲ ಪತ್ರ ಬರೆಯುವ ಸ್ವಭಾವ ಅವನದು.

ಆತನ ದೊಡ್ಡ ಲೆಕ್ಕದ ಪುಸ್ತಕಗಳು ದೇವರ ನಾಮದೊಂದಿಗೆ ಆರಂಭವಾಗುತ್ತವೆ, ಅದರ ಪಕ್ಕದಲ್ಲೇ ಲಾಭದ ಹೆಸರೂ ಇದೆ. ಇದನ್ನು ಕಪಟವೆಂದು ಹಳಿಯುವುದು ಸುಲಭ. ಆದರೆ ನಮ್ಮ ಹಿರಿಯರೂ ಹೊಸ ಲೆಕ್ಕದ ಪುಸ್ತಕದ ತಲೆಯ ಮೇಲೆ ಶಿಲುಬೆಯ ಗುರುತು ಹಾಕದೆ ಅಂಕೆ ಬರೆಯುತ್ತಿರಲಿಲ್ಲವೆಂಬುದನ್ನು ನೆನೆದರೆ ತೀರ್ಪು ಕೊಡುವ ನಾಲಿಗೆ ತುಸು ತಡೆಯುತ್ತದೆ. ಮುಚ್ಚಿಡಬಾರದ ಸಂಗತಿಯೂ ಒಂದಿದೆ: ಆ ಪುಸ್ತಕಗಳಲ್ಲಿ ಗುಲಾಮರ ಕ್ರಯವಿಕ್ರಯವೂ ಉಂಟು. ಮನೆಯ ದಾಸಿ ಲೂಚಿಯಳಲ್ಲಿ ಅವನಿಗೆ 1392ರಲ್ಲಿ ಜಿನೆವ್ರ ಎಂಬ ಮಗಳು ಹುಟ್ಟಿದಳು. ಮಕ್ಕಳಿಲ್ಲದ ಮಾರ್ಗರೀತ ಆ ಮಗುವನ್ನು ತನ್ನ ಮನೆಯಲ್ಲೇ ಅಕ್ಕರೆಯಿಂದ ಬೆಳೆಸಿದಳು. 1407ರಲ್ಲಿ ತಂದೆ ಅವಳ ವಿವಾಹಕ್ಕೆ 1000 ಫ್ಲಾರಿನ್ ವರದಕ್ಷಿಣೆ ಕೊಟ್ಟನು. ಈ ಸಂಸಾರದಲ್ಲಿ ನಿಜವಾಗಿ ದೊಡ್ಡವಳು ಯಾರೆಂಬುದನ್ನು ಓದುಗರೇ ನಿರ್ಣಯಿಸಲಿ. ಊರೂರು ಅಲೆಯುವ ಪತಿಗೆ ತಾನೇ ಪತ್ರ ಬರೆಯಬೇಕೆಂದು ಮೂವತ್ತು ದಾಟಿದ ಮೇಲೆ ಅವಳು ಅಕ್ಷರಾಭ್ಯಾಸ ಮಾಡಿದಳು. ಆ ಪತ್ರಗಳಲ್ಲಿ ಪತಿಗೆ ಬುದ್ಧಿ ಹೇಳಲು ಅವಳು ಹಿಂಜರಿದವಳಲ್ಲ.

ಬುದ್ಧಿ ಹೇಳಿದ ಇನ್ನೊಬ್ಬನೆಂದರೆ ಲಾಪೊ ಮಾತ್ಸೇಯಿ. ದಸ್ತಾವೇಜು ಬರೆಯುವ ವೃತ್ತಿಯವನು, ಹಲವು ಮಕ್ಕಳ ತಂದೆ, ಅಲ್ಪ ತೃಪ್ತ, ದೈವಭಕ್ತ. ಇಷ್ಟೊಂದು ಗಳಿಸಿ ಯಾರಿಗಾಗಿ, ಬಡವರಿಗೆ ಕೊಡುವುದನ್ನು ಮರಣದ ತನಕ ಏಕೆ ಮುಂದೂಡುತ್ತೀ ಎಂದು ವರ್ಷಾನುವರ್ಷ ಕಾಡುತ್ತಲೇ ಇದ್ದನು. ದಾತೀನಿ ಒಪ್ಪುತ್ತಿದ್ದನು, ಮತ್ತೆ ಉಣ್ಣೆಯ ಕಡೆಗೆ ತಿರುಗುತ್ತಿದ್ದನು. 1399ರಲ್ಲಿ ಇಟಲಿಯಲ್ಲೆಲ್ಲ ಬಿಳಿಯುಡುಗೆಯ ಪ್ರಾಯಶ್ಚಿತ್ತ ಯಾತ್ರೆ ಹಬ್ಬಿತು. ಅವನೂ ಬಿಳಿವಸ್ತ್ರ ತೊಟ್ಟು ಬರಿಗಾಲಿನಲ್ಲಿ ಹೊರಟನು, ಮಾಂಸ ತ್ಯಜಿಸಿದನು. ಜೊತೆಗೆ ಎರಡು ಕುದುರೆ ಮತ್ತು ಒಂದು ಹೇಸರಗತ್ತೆಯೂ ಹೊರಟವು, ರೊಟ್ಟಿ, ಗಿಣ್ಣು, ಮಿಠಾಯಿಗಳನ್ನು ಹೊತ್ತು! ಸುಮಾರು ಹತ್ತು ದಿನಗಳ ಯಾತ್ರೆ ಮುಗಿದ ಮೇಲೆ ಖರ್ಚಿನ ವಿವರವೂ ಲೆಕ್ಕಕ್ಕೆ ಬಂತು.

ಮರುವರ್ಷ, 1400ರಲ್ಲಿ, ಮಹಾಮಾರಿ ತಿರುಗಿ ಬಂತು. ಬಾಲ್ಯದಲ್ಲಿ ಮನೆಯನ್ನೇ ಕಸಿದುಕೊಂಡ ರೋಗ ಅದು. ದಾತೀನಿ ಉಯಿಲು ಬರೆಸಿ ಕುಟುಂಬದೊಂದಿಗೆ ಬೊಲೋನ್ಯ ನಗರಕ್ಕೆ ಓಡಿದನು. ಅವನು ಉಳಿದನು, ಜೊತೆಯಲ್ಲಿ ದುಡಿದ ಪಾಲುದಾರರಲ್ಲಿ ಹಲವರು ಉಳಿಯಲಿಲ್ಲ. 1398ರ ಹೊತ್ತಿಗೆ ಫ್ಲಾರೆನ್ಸಿನಲ್ಲಿ ಸ್ಥಾಪಿಸಿದ್ದ ಬ್ಯಾಂಕು ಕೂಡ ಹೆಚ್ಚು ಕಾಲ ಬಾಳಲಿಲ್ಲ. ಬಡ್ಡಿಯ ಪಾಪದ ಅಂಜಿಕೆಯಿಂದ ಆ ವೃತ್ತಿಯನ್ನು ಅವನ ಮಿತ್ರರೇ ಮೆಚ್ಚಿರಲಿಲ್ಲ.

ಕೊನೆಯ ಉಯಿಲಿಗೆ ಜುಲೈ 1410ರಲ್ಲಿ ಸಹಿ ಬಿತ್ತು. ಮರಿಯ ಮಾತೆಯ ಸ್ವರ್ಗಾರೋಹಣದ ಹಬ್ಬದ ಮರುದಿನ, ಆಗಸ್ಟ್ 16ರಂದು, ಅವನು ಕಣ್ಮುಚ್ಚಿದನು. ಸುಮಾರು 70,000 ಫ್ಲಾರಿನ್ ಬೆಲೆಯ ಆಸ್ತಿ ಪ್ರಾತೊವಿನ ಬಡವರ ಪಾಲಾಯಿತು. ಗುಲಾಮರಿಗೆ ಬಿಡುಗಡೆಯಾಯಿತು. ಅನಾಥ ಶಿಶುಗಳ ಆಶ್ರಯಕ್ಕೆಂದು ಫ್ಲಾರೆನ್ಸಿಗೆ 1000 ಫ್ಲಾರಿನ್ ಹೋಯಿತು. 1419ರಲ್ಲಿ ಬ್ರುನೆಲೆಸ್ಕಿ ಎಂಬ ಶಿಲ್ಪಿ ಕಟ್ಟಲಾರಂಭಿಸಿದ ಪ್ರಖ್ಯಾತ ಅನಾಥಾಲಯದ ಮೂಲಧನಗಳಲ್ಲಿ ಅದೂ ಒಂದು. ಬಡವರ ನಿಧಿಗೆ ಚೆಪ್ಪೊ ಎಂದು ಹೆಸರು. ಕಾಣಿಕೆ ಹಾಕಲು ಟೊಳ್ಳು ಮಾಡಿಟ್ಟ ಮರದ ಬೊಡ್ಡೆ ಎಂದು ಅದರ ಅರ್ಥ.

ಇಲ್ಲಿ ಒಂದು ವಿಷಯವನ್ನು, ಸಂಕೋಚದಿಂದಲೇ, ಹೇಳಬೇಕಾಗಿದೆ. ಈ ನಿಧಿ ಧರ್ಮಾಧಿಕಾರಿಗಳ ಆಡಳಿತಕ್ಕೆ ಒಳಪಡಬಾರದು, ಆ ಮನೆಯಲ್ಲಿ ಪೂಜಾಪೀಠವನ್ನೂ ಇಡಬಾರದು ಎಂದು ಅವನು ವಿಧಿಸಿದನು. ಪಟ್ಟಣದವರು ಆರಿಸಿದ ನಾಲ್ವರು ಗೃಹಸ್ಥರು ಅದನ್ನು ನೋಡಿಕೊಳ್ಳಬೇಕಿತ್ತು. ಇದು ಅಶ್ರದ್ಧೆಯ ಮಾತಲ್ಲ. ಸಂತ ಫ್ರಾನ್ಸಿಸರ ದೇವಾಲಯದಲ್ಲಿ ಪ್ರಧಾನ ಪೀಠದ ಮುಂದೆಯೇ ಅವನ ಸಮಾಧಿಯಿದೆ. ಆವಿನ್ಯೋನಿನಲ್ಲಿ ಮೂವತ್ತೆರಡು ವರ್ಷ ಆಸ್ಥಾನದ ಖರ್ಚುವೆಚ್ಚಗಳನ್ನು ಕಣ್ಣಾರೆ ಕಂಡ ವರ್ತಕನ ಎಚ್ಚರಿಕೆಯೆಂದು ಈ ಲೇಖಕನ ಅಭಿಪ್ರಾಯ. 1453ರಲ್ಲಿ ಫಿಲಿಪ್ಪೊ ಲಿಪ್ಪಿ ಎಂಬ ಸನ್ಯಾಸಿ ಚಿತ್ರಕಾರನು ರಚಿಸಿದ ಪಟದಲ್ಲಿ ದಾತೀನಿ ಮೊಣಕಾಲೂರಿ, ತನ್ನ ಮುಂದಿರುವ ಪುಟ್ಟ ಆಕೃತಿಯ ಆ ನಾಲ್ವರನ್ನು ದೇವಮಾತೆಗೆ ಒಪ್ಪಿಸುತ್ತಿದ್ದಾನೆ.

ಉಯಿಲಿನಂತೆ ಅವನ ಕಾಗದಗಳೆಲ್ಲ ಆ ಮನೆಯಲ್ಲೇ ಉಳಿದವು. ಕಾಲಾಂತರದಲ್ಲಿ ಅವುಗಳನ್ನು ಮೆಟ್ಟಿಲ ಕೆಳಗಿನ ಸಂದಿಗೆ ತಳ್ಳಲಾಯಿತು, ಜನ ಮರೆತರು. 1870ರಲ್ಲಿ ಪ್ರಾತೊವಿನ ಒಬ್ಬ ಧರ್ಮಗುರುಗಳೇ, ಮಾರ್ತೀನೊ ಬೆನೆಲ್ಲಿಯವರು, ಅವುಗಳನ್ನು ಹೊರತೆಗೆದರು. ಸುಮಾರು 1,50,000 ಪತ್ರಗಳು, 500ಕ್ಕೂ ಮಿಕ್ಕಿದ ಲೆಕ್ಕದ ಪುಸ್ತಕಗಳು, ನೂರಾರು ವಿಮಾಪತ್ರಗಳು. ಕೆಲವನ್ನು ಇಲಿ ಹುಳುಗಳು ತಿಂದಿದ್ದವು. ಉಳಿದವುಗಳ ನಡುವೆ ಲಾಪೊನ ಬೈಗುಳದ ಪತ್ರಗಳೂ ಮಾರ್ಗರೀತಳು ಕಷ್ಟಪಟ್ಟು ಕೈಯಾರೆ ಬರೆದ ಓಲೆಗಳೂ, ಉಣ್ಣೆ ಮೆಣಸುಗಳ ಧಾರಣೆಯ ಚೀಟಿಗಳ ಜೊತೆಯಲ್ಲೇ, ಹಾಳಾಗದೆ ಇದ್ದವು.