ಚಿಕ್ಕಮಗಳೂರು ಲೋಕಸಭಾ ಉಪಚುನಾವಣೆ (1978): ತೆರವಾದ ಸ್ಥಾನವೊಂದರ ಚರಿತ್ರೆ

ಉಪಚುನಾವಣೆಗಳು ರಾಜಕೀಯ ಚರಿತ್ರೆಯ ಗ್ರಂಥಗಳಲ್ಲಿ ಸಾಮಾನ್ಯವಾಗಿ ಅಡಿಟಿಪ್ಪಣಿಗಳಾಗಿಯೇ ಉಳಿಯುತ್ತವೆ. ಇದಕ್ಕೆ ಅಪವಾದವಾಗಿ ನಿಲ್ಲುವುದು 1978ರ ನವೆಂಬರ್ ತಿಂಗಳಿನಲ್ಲಿ ನಡೆದ ಚಿಕ್ಕಮಗಳೂರು ಲೋಕಸಭಾ ಉಪಚುನಾವಣೆ. ಆದರೆ ಅದನ್ನು ಕುರಿತು ಬರೆದವರಲ್ಲಿ ಬಹುಪಾಲು ಮಂದಿ ಅದನ್ನು ಶ್ರೀಮತಿ ಇಂದಿರಾ ಗಾಂಧಿಯವರ ಪುನರಾಗಮನದ ಕಥೆಯಾಗಿ ಮಾತ್ರ ಕಂಡಿದ್ದಾರೆ. ಕ್ಷೇತ್ರದ ಕಡೆಯಿಂದ ನೋಡಿದರೆ ಈ ಘಟನೆಗೆ ಬೇರೊಂದು ಮುಖವಿದೆ. ಒಂದೇ ವರ್ಷದೊಳಗೆ ಈ ಕ್ಷೇತ್ರದ ಸ್ಥಾನ ಎರಡು ಬಾರಿ ತೆರವಾಯಿತು; ಎರಡು ಬಾರಿಯೂ ಅದನ್ನು ತೆರವು ಮಾಡಿದವರು ಮತದಾರರಲ್ಲ. ಈ ದೃಷ್ಟಿಯಿಂದ ಆ ಚುನಾವಣೆಯನ್ನು ಮರುಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

1977ರ ಮಾರ್ಚ್ ಚುನಾವಣೆಯಲ್ಲಿ ಉತ್ತರ ಭಾರತವು ಕಾಂಗ್ರೆಸ್ಸನ್ನು ಸಾರಾಸಗಟಾಗಿ ತಿರಸ್ಕರಿಸಿತು. ರಾಯ್‌ಬರೇಲಿಯಲ್ಲಿ ಇಂದಿರಾ ಗಾಂಧಿಯವರೇ ರಾಜನಾರಾಯಣ್ ಅವರ ಎದುರು ಸೋತರು. ಕರ್ನಾಟಕದ 28 ಸ್ಥಾನಗಳಲ್ಲಿ ಮಾತ್ರ 26 ಕಾಂಗ್ರೆಸ್ಸಿಗೇ ದೊರೆತವು. ಜನತಾ ಪಕ್ಷಕ್ಕೆ ಬಂದವು ಎರಡು: ಹಾಸನ ಮತ್ತು ಬೆಂಗಳೂರು ದಕ್ಷಿಣ. ಬೆಂಗಳೂರು ದಕ್ಷಿಣದಿಂದ ಗೆದ್ದವರು ನ್ಯಾಯಮೂರ್ತಿ ಕೆ. ಎಸ್. ಹೆಗ್ಡೆ, ಅವರ ಪ್ರಸ್ತಾಪ ಮುಂದೆ ಬರುತ್ತದೆ. 1978ರ ಜನವರಿಯಲ್ಲಿ ಕಾಂಗ್ರೆಸ್ ಇಬ್ಭಾಗವಾಯಿತು. ಫೆಬ್ರವರಿಯಲ್ಲಿ ನಡೆದ ವಿಧಾನಸಭಾ ಚುನಾವಣೆಯಲ್ಲಿ ದೇವರಾಜ ಅರಸರ ನಾಯಕತ್ವದ ಇಂದಿರಾ ಕಾಂಗ್ರೆಸ್ 224ರಲ್ಲಿ 149 ಸ್ಥಾನಗಳನ್ನು ಗಳಿಸಿತು. ಲೋಕಸಭೆಗೆ ಮರಳಲು ಇಂದಿರಾ ಅವರು ಕರ್ನಾಟಕದತ್ತ ನೋಡಿದುದರಲ್ಲಿ ಆಶ್ಚರ್ಯವೇನಿಲ್ಲ.

ಚಿಕ್ಕಮಗಳೂರನ್ನು 1971 ಮತ್ತು 1977ರಲ್ಲಿ ಪ್ರತಿನಿಧಿಸಿದ್ದವರು ಮೂಡಿಗೆರೆ ತಾಲ್ಲೂಕು ದಾರದಹಳ್ಳಿಯ ಡಿ. ಬಿ. ಚಂದ್ರೇಗೌಡರು. ಅವರು ರಾಜೀನಾಮೆಯಿತ್ತು ಸ್ಥಾನವನ್ನು ಬಿಟ್ಟುಕೊಟ್ಟರು. 1951ರ ಪ್ರಜಾಪ್ರಾತಿನಿಧ್ಯ ಅಧಿನಿಯಮದ 149ನೆಯ ಪ್ರಕರಣದಂತೆ, ಲೋಕಸಭೆಯ ಸ್ಥಾನ ತೆರವಾದಾಗ ಅದನ್ನು ತುಂಬಿಕೊಡುವಂತೆ ಚುನಾವಣಾ ಆಯೋಗವು ಆಯಾ ಕ್ಷೇತ್ರವನ್ನು ಕೇಳಬೇಕು. ಕಾನೂನಿನ ಭಾಷೆಯಲ್ಲಿ ಕರೆ ಹೋಗುವುದು ಪಕ್ಷಕ್ಕಲ್ಲ, ಕ್ಷೇತ್ರಕ್ಕೆ. ಸ್ಥಾನ ತೆರವಾದ ಆರು ತಿಂಗಳೊಳಗೆ ಉಪಚುನಾವಣೆ ನಡೆಯಬೇಕೆಂಬ 151ಎ ಪ್ರಕರಣ ಆಗ ಇರಲಿಲ್ಲ. ಅದು ಸೇರಿದ್ದು 1996ರಲ್ಲಿ. ಅಭ್ಯರ್ಥಿಯು ಕ್ಷೇತ್ರದ ನಿವಾಸಿಯಾಗಿರಬೇಕೆಂಬ ನಿಯಮವೂ ಲೋಕಸಭೆಗೆ ಇಲ್ಲ. ದೇಶದ ಯಾವುದೇ ಕ್ಷೇತ್ರದ ಮತದಾರರಾಗಿದ್ದರೆ ಸಾಕು. ಇಂದಿರಾ ಅವರು ಹೊರಗಿನವರು ಎಂಬುದು ಅಂದು ಪ್ರಮುಖ ಆಕ್ಷೇಪಣೆಯಾಗಿತ್ತು. ಆದರೆ ಜನತಾ ಪಕ್ಷದ ಅಭ್ಯರ್ಥಿ, ಮಾಜಿ ಮುಖ್ಯಮಂತ್ರಿ ವೀರೇಂದ್ರ ಪಾಟೀಲರೂ ದೂರದ ಗುಲಬರ್ಗಾ ಜಿಲ್ಲೆಯ ಚಿಂಚೋಳಿಯವರು. ಮಲೆನಾಡಿನ ಮತದಾರರ ಎದುರು ನಿಂತ ಪ್ರಮುಖರಿಬ್ಬರೂ ಪರಸ್ಥಳದವರೇ. ವರನಟ ರಾಜಕುಮಾರ್ ಅವರನ್ನು ಇಂದಿರಾ ಅವರ ವಿರುದ್ಧ ಕಣಕ್ಕಿಳಿಸುವ ಪ್ರಯತ್ನ ನಡೆದಿತ್ತೆಂಬ ಮಾತು ನಾಡಿನಲ್ಲಿ ಇಂದಿಗೂ ಪ್ರಚಲಿತವಾಗಿದೆ. ಅವರು ಸ್ಪರ್ಧಿಸಲಿಲ್ಲ ಎಂಬುದಷ್ಟೇ ದಾಖಲೆಗೆ ಸೇರಿದ ಸಂಗತಿ.

ಈ ಕ್ಷೇತ್ರದ ಭೂಗೋಳವನ್ನು ಗಮನಿಸದೆ ಫಲಿತಾಂಶವನ್ನು ಅರ್ಥೈಸುವುದು ಕಷ್ಟ. ಹೆಸರು ಚಿಕ್ಕಮಗಳೂರಾದರೂ ಅದರೊಳಗೆ ಮೂರು ನಾಡುಗಳಿದ್ದವು. ಕಡೂರು, ಬೀರೂರು, ತರೀಕೆರೆಗಳ ಬಯಲುಸೀಮೆ. ಮೂಡಿಗೆರೆ, ಶೃಂಗೇರಿ, ಚಿಕ್ಕಮಗಳೂರುಗಳ ಕಾಫಿ-ಅಡಿಕೆಯ ಮಲೆನಾಡು. ಘಟ್ಟದ ಕೆಳಗೆ ಅಂದಿನ ದಕ್ಷಿಣ ಕನ್ನಡ ಜಿಲ್ಲೆಯ ಕಾರ್ಕಳ ಮತ್ತು ಬೆಳ್ತಂಗಡಿ. 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿ ಈ ಮೂರು ನಾಡುಗಳನ್ನು ಒಂದೇ ಬಗೆಯಾಗಿ ತಟ್ಟಲಿಲ್ಲ. ಘಟ್ಟದ ಕೆಳಗೆ ಚಾಲಗೇಣಿ, ಮೂಲಗೇಣಿಗಳ ಪದ್ಧತಿ ಆಳವಾಗಿ ಬೇರೂರಿತ್ತು. ಅಲ್ಲಿ ಭೂನ್ಯಾಯಮಂಡಳಿಯ ಮುಂದೆ ‘ಡಿಕ್ಲರೇಶನ್’ ಕೊಟ್ಟ ಒಕ್ಕಲು ತಾನು ಉಳುತ್ತಿದ್ದ ಗದ್ದೆಗೆ ಒಡೆಯನಾಗುವ ಅವಕಾಶ ಪಡೆದ. ಕಾಫಿ ತೋಟಗಳ ಸ್ಥಿತಿ ಬೇರೆ. ಅಧಿನಿಯಮದ 104ನೆಯ ಪ್ರಕರಣವು ತೋಟಗಳನ್ನು ಭೂಮಿತಿಯಿಂದ ಹೊರಗಿಟ್ಟಿತ್ತು. ಆದ್ದರಿಂದ ಲೈನುಮನೆಗಳಲ್ಲಿ ವಾಸಿಸುತ್ತಿದ್ದ ತೋಟದ ಕೂಲಿಗೆ ಭೂಮಿ ದಕ್ಕಲಿಲ್ಲ; ಅವನ ಪಾಲಿಗೆ ಆ ದಶಕದ ಕೊಡುಗೆಗಳೆಂದರೆ ಮನೆ ನಿವೇಶನ, ಋಣಪರಿಹಾರ, ಜೀತವಿಮುಕ್ತಿಯ ಕಾನೂನುಗಳು. 1975ರ ಹಾವನೂರ್ ವರದಿ ಹಿಂದುಳಿದ ಜಾತಿಗಳಲ್ಲಿ ಎಬ್ಬಿಸಿದ ಆಶೆಯನ್ನೂ ಇದಕ್ಕೆ ಸೇರಿಸಿ ನೋಡಬೇಕು. ಉತ್ತರ ಭಾರತದಲ್ಲಿ ತುರ್ತುಪರಿಸ್ಥಿತಿಯೊಡನೆ ಬೆಸೆದುಕೊಂಡಿದ್ದ ಇಂದಿರಾ ಅವರ ಹೆಸರು ಇಲ್ಲಿ ಗೇಣಿಶಾಸನದೊಡನೆ ಬೆಸೆದುಕೊಂಡಿತ್ತು. ಅರಸರು ತಾವು ಕೂಡಿಟ್ಟ ಈ ಗಳಿಕೆಯನ್ನು ತಮ್ಮ ನಾಯಕಿಗೆ ಧಾರೆಯೆರೆದರು ಎಂಬುದು ನನ್ನ ಅಭಿಪ್ರಾಯ.

ಪ್ರಚಾರದ ವಿವರಗಳು ಸಾಕಷ್ಟು ಪ್ರಸಿದ್ಧವಾಗಿವೆ. ಮಂಗಳೂರಿನ ಮಗನೇ ಆದ ಕೇಂದ್ರ ಸಚಿವ ಜಾರ್ಜ್ ಫರ್ನಾಂಡಿಸ್ ಜನತಾ ಪಕ್ಷದ ಪರವಾಗಿ ದುಡಿದರು. ಒಂದು ಹೆಣ್ಣು ಹುಲಿಯ ಎದುರು ನೂರು ಲಂಗೂರ್‌ಗಳೆಂದು ಪ್ರಾಸ ಕಟ್ಟಿದ ಹಿಂದಿ ಘೋಷಣೆ ದೇಶದಾದ್ಯಂತ ಮೊಳಗಿತು. ಅದು ಹೊರಗಿನವರ ಕಿವಿಗೆ ರಚಿತವಾದ ಘೋಷಣೆ. ಲಂಗೂರನ್ನು ಮಲೆನಾಡಿಗರು ಮುಸುವ ಎನ್ನುತ್ತಾರೆ, ಮುಸುವಕ್ಕೂ ಚಿಕ್ಕಮಗಳೂರಿಗೂ ಪ್ರಾಸ ಕೂಡುವುದಿಲ್ಲ.

ನವೆಂಬರ್ 5ರಂದು ಮತದಾನ ನಡೆಯಿತು. ಇಂದಿರಾ ಗಾಂಧಿಯವರಿಗೆ 2,49,376 ಮತಗಳೂ ವೀರೇಂದ್ರ ಪಾಟೀಲರಿಗೆ 1,72,043 ಮತಗಳೂ ಬಂದವು. ಅಂತರ 77,333. ಒಂದೂ ಮುಕ್ಕಾಲು ಲಕ್ಷದಷ್ಟು ಮತದಾರರು ಪಾಟೀಲರ ಬೆನ್ನಿಗೆ ನಿಂತಿದ್ದರೆಂಬುದನ್ನು ವಿಜಯದ ವರ್ಣನೆಗಳು ಮರೆಸಿಬಿಡುತ್ತವೆ.

ಇನ್ನು ಎರಡನೆಯ ತೆರವು. 1974ರ ಸುಮಾರಿಗೆ ಮಾರುತಿ ಸಂಸ್ಥೆಯನ್ನು ಕುರಿತ ಸಂಸತ್ ಪ್ರಶ್ನೆಯೊಂದಕ್ಕೆ ಮಾಹಿತಿ ಸಂಗ್ರಹಿಸುತ್ತಿದ್ದ ಅಧಿಕಾರಿಗಳಿಗೆ ಕಿರುಕುಳ ಕೊಡಲಾಯಿತೆಂಬ ಆರೋಪವು ಲೋಕಸಭೆಯ ಹಕ್ಕುಬಾಧ್ಯತಾ ಸಮಿತಿಯ ಮುಂದಿತ್ತು. ಸಮಿತಿಯು ಇಂದಿರಾ ಅವರನ್ನು ಹಕ್ಕುಚ್ಯುತಿ ಮತ್ತು ಸದನನಿಂದನೆಯ ದೋಷಿಯೆಂದು ಕಂಡಿತು. ಡಿಸೆಂಬರ್ 19ರಂದು, ಮತದಾನವಾದ 44ನೆಯ ದಿನ, ಸದನವು ಅವರನ್ನು ಉಚ್ಚಾಟಿಸಿ, ಅಧಿವೇಶನ ಮುಗಿಯುವವರೆಗೆ ಸೆರೆಮನೆಗೆ ಕಳಿಸುವ ನಿರ್ಣಯವನ್ನು ಅಂಗೀಕರಿಸಿತು. ಡಿಸೆಂಬರ್ 26ರಂದು ಅವರು ತಿಹಾರ್‌ನಿಂದ ಬಿಡುಗಡೆಯಾದರು.

ಆಗ ಸಭಾಧ್ಯಕ್ಷರಾಗಿದ್ದವರು ಕೆ. ಎಸ್. ಹೆಗ್ಡೆಯವರೇ. 1973ರಲ್ಲಿ ಇಂದಿರಾ ಸರ್ಕಾರವು ಜ್ಯೇಷ್ಠತೆಯನ್ನು ಕಡೆಗಣಿಸಿದಾಗ ಸರ್ವೋಚ್ಚ ನ್ಯಾಯಾಲಯಕ್ಕೆ ರಾಜೀನಾಮೆಯಿತ್ತ ಮೂವರು ನ್ಯಾಯಮೂರ್ತಿಗಳಲ್ಲಿ ಅವರೊಬ್ಬರು. ಅವರ ಹುಟ್ಟೂರು ಕಾರ್ಕಳ ತಾಲ್ಲೂಕಿನ ಕೌಡೂರು, ಅಂದರೆ ತೆರವಾದ ಕ್ಷೇತ್ರದ ಒಂದು ಮೂಲೆ. ಇದನ್ನು ಸೇಡಿನ ಕಥೆಯಾಗಿ ಓದುವುದು ಸುಲಭ, ಆದರೆ ನ್ಯಾಯವಲ್ಲ. ನಿರ್ಣಯವನ್ನು ಮಂಡಿಸಿದವರು ಪ್ರಧಾನಿ ಮೊರಾರ್ಜಿ ದೇಸಾಯಿ, ಅಂಗೀಕರಿಸಿದ್ದು ಸದನ. ಮುಖ್ಯವಾದ ಪ್ರಶ್ನೆ ಬೇರೆಯದು. ಆರೋಪವು ಹಿಂದಿನ ಲೋಕಸಭೆಯ ಕಾಲದ ನಡವಳಿಕೆಯನ್ನು ಕುರಿತದ್ದು. ಶಿಕ್ಷೆಯಾದದ್ದು ಹೊಸ ಜನಾದೇಶಕ್ಕೆ. ಆರೋಪ ಚುನಾವಣೆಗೆ ಮುಂಚೆಯೇ ಬಹಿರಂಗವಾಗಿತ್ತು. ಅದನ್ನು ಬಲ್ಲ ಮತದಾರರು ಆರಿಸಿ ಕಳಿಸಿದವರನ್ನು ಅದೇ ಆರೋಪದ ಮೇಲೆ ಹೊರಹಾಕಬಹುದೆ? ಸಂವಿಧಾನದ 105(3)ನೆಯ ಅನುಚ್ಛೇದದಡಿ ಸದನಕ್ಕೆ ಸದಸ್ಯರನ್ನು ಉಚ್ಚಾಟಿಸುವ ಅಧಿಕಾರವಿದೆಯೆಂದು ಸರ್ವೋಚ್ಚ ನ್ಯಾಯಾಲಯ ರಾಜಾರಾಂ ಪಾಲ್ ಪ್ರಕರಣದಲ್ಲಿ ಹೇಳಿದ್ದು 2007ರಲ್ಲಿ. ಅಧಿಕಾರವಿತ್ತೆಂದು ಒಪ್ಪಿದರೂ ಸೆರೆವಾಸದ ಶಿಕ್ಷೆಯೊಂದೇ ಸಾಲುತ್ತಿತ್ತು, ಸ್ಥಾನವನ್ನು ಕಸಿಯಬೇಕಿರಲಿಲ್ಲ ಎಂದು ನನಗೆ ತೋರುತ್ತದೆ. ಸೆರೆ ಅನುಭವಿಸುವುದು ವ್ಯಕ್ತಿ; ಉಚ್ಚಾಟನೆಯನ್ನು ಅನುಭವಿಸುವುದು ಕ್ಷೇತ್ರವೂ ಹೌದು.

ಆದರೆ ಕ್ಷೇತ್ರದ ಹಿತವನ್ನು ಪಕ್ಷವೂ ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಉಚ್ಚಾಟಿತರು ಮತ್ತೆ ಸ್ಪರ್ಧಿಸಲು ಕಾನೂನಿನ ತಡೆಯಿರಲಿಲ್ಲ. ಇಂದಿರಾ ಅವರು ಚಿಕ್ಕಮಗಳೂರಿಗೆ ಅಭ್ಯರ್ಥಿಯಾಗಿ ಹಿಂದಿರುಗಲಿಲ್ಲ; 1980ರಲ್ಲಿ ರಾಯ್‌ಬರೇಲಿ ಮತ್ತು ಮೇದಕ್‌ಗಳಿಂದ ಗೆದ್ದು ಮೇದಕ್ಕನ್ನು ಉಳಿಸಿಕೊಂಡರು. ಅಷ್ಟರಲ್ಲಿ, 1979ರಲ್ಲಿ, ಅರಸರೂ ಅವರೂ ಬೇರೆಯಾಗಿದ್ದರು. 1980ರ ಲೋಕಸಭಾ ಚುನಾವಣೆಯಲ್ಲಿ ಕರ್ನಾಟಕದ 28ರಲ್ಲಿ 27 ಸ್ಥಾನಗಳು ಇಂದಿರಾ ಕಾಂಗ್ರೆಸ್ಸಿಗೆ ಹೋದವು. ಧಾರೆಯೆರೆದವರ ಕೈ ಬರಿದಾಗಿತ್ತು. ಸೋತಿದ್ದ ವೀರೇಂದ್ರ ಪಾಟೀಲರು ಅದೇ ಪಕ್ಷಕ್ಕೆ ಸೇರಿ ಬಾಗಲಕೋಟೆಯಿಂದ ಆಯ್ಕೆಯಾಗಿ ಇಂದಿರಾ ಸಂಪುಟದಲ್ಲಿ ಸಚಿವರಾದರು. ಸ್ಥಾನ ಬಿಟ್ಟುಕೊಟ್ಟ ಚಂದ್ರೇಗೌಡರು 1983ರಲ್ಲಿ ರಾಜ್ಯ ವಿಧಾನಸಭೆಯ ಅಧ್ಯಕ್ಷರಾದರು.

1981ರ ಮೇ 7ರಂದು ಏಳನೆಯ ಲೋಕಸಭೆಯು 1978ರ ಉಚ್ಚಾಟನೆಯ ನಿರ್ಣಯವನ್ನು ರದ್ದುಗೊಳಿಸಿತು. ಆ ವೇಳೆಗೆ ಆರನೆಯ ಲೋಕಸಭೆಯೇ ವಿಸರ್ಜನೆಯಾಗಿ ಒಂದು ವರ್ಷಕ್ಕೂ ಹೆಚ್ಚು ಕಾಲ ಕಳೆದಿತ್ತು. ಹಿಂದಿರುಗಿಸಿಕೊಡಲು ಸ್ಥಾನ ಉಳಿದಿರಲಿಲ್ಲ. 2008ರ ಕ್ಷೇತ್ರ ಪುನರ್ವಿಂಗಡಣೆಯಲ್ಲಿ ಚಿಕ್ಕಮಗಳೂರು ಲೋಕಸಭಾ ಕ್ಷೇತ್ರವೇ ಇಲ್ಲವಾಯಿತು. ಕಡೂರು ಹಾಸನಕ್ಕೂ ಬೆಳ್ತಂಗಡಿ ದಕ್ಷಿಣ ಕನ್ನಡಕ್ಕೂ ಸೇರಿದವು. ಬೀರೂರು ವಿಧಾನಸಭಾ ಕ್ಷೇತ್ರ ಅಳಿಯಿತು. ಉಳಿದ ಭಾಗ ಉಡುಪಿಯೊಡನೆ ಕೂಡಿಕೊಂಡಿತು.