ಸೈನಿಕ ಕುಟುಂಬಗಳ ಮನೋಸ್ಥೈರ್ಯ

ಸೈನಿಕ ಕುಟುಂಬಗಳ ಮನೋಸ್ಥೈರ್ಯ ಎಂದರೆ ಯುದ್ಧ, ದೀರ್ಘಕಾಲದ ಅಗಲಿಕೆ, ಪದೇಪದೇ ಬರುವ ವರ್ಗಾವಣೆ, ಗಾಯ, ಸಾವು ಮತ್ತು ಎಳೆವಯಸ್ಸಿನ ನಿವೃತ್ತಿ ತರುವ ಒತ್ತಡಗಳನ್ನು ತಾಳಿಕೊಂಡು ಸೈನಿಕನೂ ಅವನ ಮನೆಯವರೂ ಬದುಕನ್ನು ಮತ್ತೆ ಹಳಿಗೆ ತಂದುಕೊಳ್ಳುವ ಸಾಮರ್ಥ್ಯ. ಮನಶ್ಶಾಸ್ತ್ರ, ಸಮಾಜಕಾರ್ಯ ಮತ್ತು ಸೇನಾ ಆಡಳಿತ ಈ ಮೂರೂ ಕ್ಷೇತ್ರಗಳಲ್ಲಿ ಇದು ಅಧ್ಯಯನದ ವಿಷಯವಾಗಿದೆ. ಕರ್ನಾಟಕದಲ್ಲಿ ಈ ಪ್ರಶ್ನೆಗೆ ಎರಡು ಮುಖಗಳಿವೆ. ಬೆಳಗಾವಿ ಮತ್ತು ಬೆಂಗಳೂರಿನಂತಹ ಸೇನಾ ನೆಲೆಗಳಲ್ಲಿ ಕುಟುಂಬಗಳಿಗೆ ಆಸ್ಪತ್ರೆ, ಶಾಲೆ, ವಸತಿಗಳು ಒಂದೇ ಆವರಣದಲ್ಲಿ ದೊರೆಯುತ್ತವೆ. ದಾವಣಗೆರೆ, ಹರಿಹರಗಳಂತಹ ದಂಡುಪ್ರದೇಶವಿಲ್ಲದ ಊರುಗಳಲ್ಲಿ ಅದೇ ಕುಟುಂಬಗಳು ನಾಗರಿಕರ ನಡುವೆ ಚದುರಿಕೊಂಡಿರುತ್ತವೆ.

ಪದ ಮತ್ತು ಪರಿಕಲ್ಪನೆ

ಈ ಪರಿಕಲ್ಪನೆಗೆ ಕನ್ನಡದಲ್ಲಿ ಒಂದೇ ಪದ ನೆಲೆಗೊಂಡಿಲ್ಲ. ಭೌತಶಾಸ್ತ್ರದಿಂದ ಬಂದ ‘ಸ್ಥಿತಿಸ್ಥಾಪಕತ್ವ’ವು ಎಳೆದು ಬಿಟ್ಟ ವಸ್ತು ಮೊದಲಿನ ಆಕಾರಕ್ಕೆ ಮರಳುವುದನ್ನು ಸೂಚಿಸುತ್ತದೆ. ಮನುಷ್ಯರ ವಿಷಯದಲ್ಲಿ ಇದು ಪೂರ್ತಿಯಾಗಿ ಒಪ್ಪುವ ಪದವಲ್ಲ, ಏಕೆಂದರೆ ದುಃಖವನ್ನು ದಾಟಿಬಂದ ಮನೆ ಮೊದಲಿನಂತೆಯೇ ಇರುವುದಿಲ್ಲ. ‘ಮನೋಸ್ಥೈರ್ಯ’, ‘ತಾಳಿಕೆ’, ‘ಚೇತರಿಕೆಯ ಶಕ್ತಿ’ ಎಂಬ ಪದಗಳೂ ಬಳಕೆಯಲ್ಲಿವೆ.

ಕುಟುಂಬವನ್ನು ಒಂದು ಘಟಕವೆಂದು ಪರಿಗಣಿಸಿ ನಡೆದ ಅಧ್ಯಯನಗಳ ಮೂಲವೇ ಸೈನಿಕರ ಮನೆಗಳಲ್ಲಿದೆ. ಎರಡನೆಯ ಮಹಾಯುದ್ಧಕ್ಕೆ ಹೋಗಿ ಮರಳಿದ ಸೈನಿಕರ ಕುಟುಂಬಗಳನ್ನು ಅಮೆರಿಕದ ಅಯೋವಾ ರಾಜ್ಯದಲ್ಲಿ ಅಭ್ಯಸಿಸಿದ ಸಮಾಜವಿಜ್ಞಾನಿ ರೂಬೆನ್ ಹಿಲ್, 1949ರಲ್ಲಿ ತಮ್ಮ ಸಿದ್ಧಾಂತವನ್ನು ಪ್ರಕಟಿಸಿದರು. ಅವರ ಪ್ರಕಾರ ಬಿಕ್ಕಟ್ಟು ಉಂಟಾಗುವುದು ಕೇವಲ ಘಟನೆಯಿಂದಲ್ಲ. ಆ ಕುಟುಂಬಕ್ಕೆ ಇರುವ ಆಸರೆಗಳು ಮತ್ತು ಘಟನೆಗೆ ಅದು ಕೊಡುವ ಅರ್ಥ, ಇವೆರಡೂ ಸೇರಿ ಫಲಿತವನ್ನು ನಿರ್ಧರಿಸುತ್ತವೆ. 1970ರ ದಶಕದಲ್ಲಿ ವಿಯೆಟ್ನಾಂ ಯುದ್ಧದಲ್ಲಿ ಕಾಣೆಯಾದ ಸೈನಿಕರ ಕುಟುಂಬಗಳೊಂದಿಗೆ ಕೆಲಸ ಮಾಡಿದ ಪಾಲಿನ್ ಬಾಸ್, ಸತ್ತರೋ ಬದುಕಿರುವರೋ ತಿಳಿಯದ ಸ್ಥಿತಿಯನ್ನು ‘ಅಸ್ಪಷ್ಟ ನಷ್ಟ’ ಎಂದು ಕರೆದರು. ಶೋಕಿಸಲೂ ಆಗದ, ಭರವಸೆ ಇಡಲೂ ಆಗದ ಈ ಸ್ಥಿತಿ ಸಾವಿಗಿಂತ ಹೆಚ್ಚು ಕಾಲ ಕುಟುಂಬವನ್ನು ಸ್ತಬ್ಧಗೊಳಿಸಬಲ್ಲದು ಎಂಬುದು ಅವರ ನಿಲುವು.

ಇನ್ನೊಂದು ಧಾರೆಯು ಮನೋಸ್ಥೈರ್ಯವನ್ನು ವ್ಯಕ್ತಿಗೆ ಕಲಿಸಬಹುದಾದ ಕೌಶಲವೆಂದು ನೋಡುತ್ತದೆ. ಅಮೆರಿಕದ ಭೂಸೇನೆ 2009ರಲ್ಲಿ ಮನಶ್ಶಾಸ್ತ್ರಜ್ಞ ಮಾರ್ಟಿನ್ ಸೆಲಿಗ್ಮನ್ ಅವರ ಚಿಂತನೆಯನ್ನು ಆಧರಿಸಿ ಎಲ್ಲ ಸೈನಿಕರಿಗೂ ಇಂತಹ ತರಬೇತಿಯನ್ನು ಆರಂಭಿಸಿತು. ಅದರ ಪರಿಣಾಮದ ಬಗ್ಗೆ ಸಾಕ್ಷ್ಯ ಸಾಲದೆಂಬ ಟೀಕೆ ಆ ದೇಶದಲ್ಲಿಯೇ ಕೇಳಿಬಂದಿತು. ಕರ್ನಾಟಕದ ಅನುಭವವನ್ನು ವಿವರಿಸಲು ಹಿಲ್ ಅವರ ದೃಷ್ಟಿಯೇ ಹೆಚ್ಚು ಒದಗಿಬರುತ್ತದೆ. ಇಲ್ಲಿ ಮನೆಗಳನ್ನು ಕುಗ್ಗಿಸುವುದೂ ಎತ್ತಿಹಿಡಿಯುವುದೂ ಬಹುಮಟ್ಟಿಗೆ ಜಮೀನು, ಕಾಗದಪತ್ರ, ರಜೆ, ಪಿಂಚಣಿ ಮತ್ತು ಬಂಧುಗಳ ನಡವಳಿಕೆ.

ಹಿನ್ನೆಲೆ

ಮೊದಲನೆಯ ಮಹಾಯುದ್ಧದಲ್ಲಿ ಮೈಸೂರು ಸಂಸ್ಥಾನದ ಲ್ಯಾನ್ಸರ್ ಪಡೆ ಪಾಲ್ಗೊಂಡಿತ್ತು. 1918ರ ಸೆಪ್ಟೆಂಬರ್ 23ರಂದು ಹೈಫಾ ನಗರವನ್ನು ವಶಪಡಿಸಿಕೊಂಡ ದಾಳಿಯಲ್ಲಿ ಜೋಧಪುರದ ಪಡೆಯೊಂದಿಗೆ ಅದೂ ಇತ್ತು. ಯುದ್ಧ ಮುಗಿದು ಸೈನಿಕರು ಊರಿಗೆ ಮರಳತೊಡಗಿದಾಗ ಅವರ ಮತ್ತು ಮಡಿದವರ ಕುಟುಂಬಗಳ ಯೋಗಕ್ಷೇಮಕ್ಕಾಗಿ 1919ರಲ್ಲಿ ಭಾರತೀಯ ಸೈನಿಕರ ಮಂಡಳಿ ರಚನೆಯಾಯಿತು. ಇಂದಿನ ಕೇಂದ್ರೀಯ ಸೈನಿಕ ಮಂಡಳಿಯ ಮೂಲ ಇದೇ. ಅದರ ಕೆಳಗೆ ರಾಜ್ಯ ಮತ್ತು ಜಿಲ್ಲಾ ಸೈನಿಕ ಮಂಡಳಿಗಳಿದ್ದು, ಕರ್ನಾಟಕದಲ್ಲಿ ಈ ಕೆಲಸವನ್ನು ಸೈನಿಕ ಕಲ್ಯಾಣ ಮತ್ತು ಪುನರ್ವಸತಿ ಇಲಾಖೆ ನಿರ್ವಹಿಸುತ್ತದೆ.

ಸ್ವಾತಂತ್ರ್ಯಾನಂತರ 1949ರಿಂದ ಡಿಸೆಂಬರ್ 7ನ್ನು ಸಶಸ್ತ್ರ ಪಡೆಗಳ ಧ್ವಜ ದಿನವಾಗಿ ಆಚರಿಸಿ ನಿಧಿ ಸಂಗ್ರಹಿಸಲಾಗುತ್ತಿದೆ. ಶಾಲಾಮಕ್ಕಳ ಅಂಗಿಗೆ ಚುಚ್ಚುವ ಪುಟ್ಟ ಕಾಗದದ ಧ್ವಜ ಈ ನಿಧಿಯದೇ. ಭೂಸೇನೆಯ ಪತ್ನಿಯರ ಕಲ್ಯಾಣ ಸಂಘ ‘ಆವಾ’ 1966ರಲ್ಲಿ ನೋಂದಣಿಯಾಯಿತು. ವರ್ಗಾವಣೆಗೊಳ್ಳುವವರ ಮಕ್ಕಳ ಶಿಕ್ಷಣ ತುಂಡಾಗದಿರಲೆಂದು ರೂಪುಗೊಂಡ ಕೇಂದ್ರೀಯ ವಿದ್ಯಾಲಯಗಳ ಆರಂಭವೂ 1963ರ ಸುಮಾರಿಗೆ 20 ರೆಜಿಮೆಂಟ್ ಶಾಲೆಗಳಿಂದ ಆಯಿತು.

ಸೇನಾ ಘಟಕದ ಒಳಗೆ

ಭಾರತೀಯ ಸೇನೆಯಲ್ಲಿ ಮನೋಬಲವನ್ನು ಕಾಪಾಡುವ ಹಳೆಯ ವ್ಯವಸ್ಥೆಗಳು ‘ಮಾನಸಿಕ ಆರೋಗ್ಯ’ ಎಂಬ ಹೆಸರನ್ನು ಹೊತ್ತಿಲ್ಲ. ಕಮಾಂಡಿಂಗ್ ಅಧಿಕಾರಿ ಎಲ್ಲರೊಡನೆ ನೇರವಾಗಿ ಮಾತನಾಡುವ ‘ಸೈನಿಕ ಸಮ್ಮೇಳನ’, ಅಧಿಕಾರಿಗಳೂ ಜವಾನರೂ ಒಟ್ಟಿಗೆ ಉಣ್ಣುವ ‘ಬಡಾಖಾನಾ’, ಘಟಕದ ಧರ್ಮಗುರು, ಇಬ್ಬಿಬ್ಬರನ್ನು ಜೋಡಿಯಾಗಿಸುವ ‘ಬಡ್ಡಿ’ ಪದ್ಧತಿ ಇವೆಲ್ಲ ಆ ಕೆಲಸವನ್ನೇ ಮಾಡುತ್ತವೆ. ರಜೆಯ ಮಹತ್ವ ಇವೆಲ್ಲಕ್ಕಿಂತ ದೊಡ್ಡದು. ಜವಾನರಿಗೆ ವರ್ಷಕ್ಕೆ 60 ದಿನಗಳ ವಾರ್ಷಿಕ ರಜೆ ಮತ್ತು 30 ದಿನಗಳ ಸಾಂದರ್ಭಿಕ ರಜೆಯ ಅವಕಾಶವಿದೆ. ಆ ರಜೆ ಬಿತ್ತನೆಗೋ ಮದುವೆಗೋ ಹೆರಿಗೆಗೋ ಹೊಂದಿಕೆಯಾಗಿ ಸಿಗುತ್ತದೆಯೇ ಎಂಬುದು ಮನೆಯ ನೆಮ್ಮದಿಯನ್ನು ನಿರ್ಧರಿಸುತ್ತದೆ.

ಸಂಪರ್ಕದ ರೀತಿಯೂ ಬದಲಾಗಿದೆ. ಒಂದು ತಲೆಮಾರಿನ ಹಿಂದೆ ‘56 ಎಪಿಒ’ ಎಂಬ ಸೇನಾ ಅಂಚೆ ವಿಳಾಸಕ್ಕೆ ಬರೆದ ಪತ್ರ ತಲುಪುವ ಹೊತ್ತಿಗೆ ಮನೆಯ ಜಗಳ ತಣ್ಣಗಾಗಿರುತ್ತಿತ್ತು. ಈಗ ಅತ್ತೆ ಸೊಸೆಯರ ಮನಸ್ತಾಪವೂ ಮಗುವಿನ ಜ್ವರವೂ ಆ ಕ್ಷಣವೇ ಮೊಬೈಲಿನಲ್ಲಿ ಗಡಿಠಾಣೆಯನ್ನು ಮುಟ್ಟುತ್ತವೆ. ಅಲ್ಲಿಂದ ಅವನು ಮಾಡಬಹುದಾದದ್ದು ಮಾತ್ರ ಹಿಂದಿನಷ್ಟೇ ಇದೆ.

ಸೈನಿಕರ ಒತ್ತಡದ ಪ್ರಮಾಣದ ಬಗ್ಗೆ ಒಮ್ಮತವಿಲ್ಲ. ಅರ್ಧಕ್ಕಿಂತ ಹೆಚ್ಚು ಸೈನಿಕರು ತೀವ್ರ ಒತ್ತಡದಲ್ಲಿದ್ದಾರೆಂದು ಯುನೈಟೆಡ್ ಸರ್ವಿಸ್ ಇನ್‌ಸ್ಟಿಟ್ಯೂಷನ್ನಿನ ಅಧ್ಯಯನವೊಂದು ಹೇಳಿದ್ದು 2021ರ ಆರಂಭದಲ್ಲಿ ಸುದ್ದಿಯಾಯಿತು. ಅದರ ಮಾದರಿ ತೀರ ಚಿಕ್ಕದೆಂದು ಸೇನೆ ಆಕ್ಷೇಪಿಸಿತು.

ದಂಡಿಲ್ಲದ ಊರುಗಳಲ್ಲಿ: ಜಮೀನು ಮತ್ತು ಕಾಗದಪತ್ರ

ಕರ್ನಾಟಕದಲ್ಲಿ ಇಂದು ದಂಡುಮಂಡಳಿಯ ಆಡಳಿತವಿರುವ ಪ್ರದೇಶವೆಂದರೆ ಬೆಳಗಾವಿ. ಮರಾಠಾ ಲಘು ಪದಾತಿದಳದ ಕೇಂದ್ರ ಅಲ್ಲಿದೆ. ಬೆಂಗಳೂರಿನಲ್ಲಿ ಮದ್ರಾಸ್ ಎಂಜಿನಿಯರ್ ಗ್ರೂಪಿನ ಕೇಂದ್ರ ಮತ್ತು ವಾಯುಪಡೆಯ ಕಮಾಂಡ್ ಆಸ್ಪತ್ರೆಗಳಿವೆ. ದಾವಣಗೆರೆ ಈ ಎರಡು ನಗರಗಳ ನಡುವೆ, ಬೆಂಗಳೂರಿನಿಂದ ಸುಮಾರು 260 ಕಿ.ಮೀ. ದೂರದಲ್ಲಿದೆ. ನಗರದ ದೇವರಾಜ ಅರಸು ಬಡಾವಣೆಯಂತಹ ವಸತಿ ಪ್ರದೇಶದಲ್ಲೋ ಹರಿಹರದ ಓಣಿಯಲ್ಲೋ ನೆಲೆಸಿದ ಸೈನಿಕನ ಮನೆಗೆ ಅಕ್ಕಪಕ್ಕದವರು ವರ್ತಕರು, ನೌಕರರು, ರೈತರು. ಪತಿ ಗಡಿಯಲ್ಲಿರುವುದೆಂದರೇನೆಂದು ತನ್ನ ಅನುಭವದಿಂದಲೇ ಬಲ್ಲ ಇನ್ನೊಬ್ಬ ಹೆಣ್ಣುಮಗಳು ಅದೇ ಬೀದಿಯಲ್ಲಿ ಸಿಗದಿರಬಹುದು. ತವರು, ಅತ್ತೆಮನೆ, ನೆರೆಹೊರೆ ಮತ್ತು ಮಾಜಿ ಸೈನಿಕರ ಸಂಘಗಳೇ ಇಲ್ಲಿ ಆಸರೆ.

ಒತ್ತಡದ ಸಾಮಾನ್ಯ ಮೂಲ ಜಮೀನು. ಭದ್ರಾ ನಾಲೆಯ ನೀರು ಹರಿಯುವ ದಾವಣಗೆರೆ, ಹರಿಹರ ತಾಲ್ಲೂಕುಗಳಲ್ಲಿ ಹೊಲದ ಬದು, ನೀರಿನ ಸರದಿ, ಅಣ್ಣತಮ್ಮಂದಿರ ಪಾಲು ಇವುಗಳ ತಕರಾರು ಬಂದಾಗ ಊರಿನಲ್ಲಿಲ್ಲದವನ ಪಾಲೇ ಮೊದಲು ಸವೆಯುತ್ತದೆ. ಪೌತಿ ಖಾತೆ, ಪೋಡಿ, ಪಹಣಿ ತಿದ್ದುಪಡಿ ಒಂದೊಂದಕ್ಕೂ ಖುದ್ದು ಹಾಜರಿ ಬೇಕಾಗಬಹುದು. ಇದನ್ನು ಮನಗಂಡೇ ಭಾರತೀಯ ಸೈನಿಕರ (ವ್ಯಾಜ್ಯ) ಕಾಯಿದೆ, 1925 ಜಾರಿಗೆ ಬಂದಿತು. ಯುದ್ಧ ಅಥವಾ ವಿಶೇಷ ಪರಿಸ್ಥಿತಿಯ ಸೇವೆಯಲ್ಲಿರುವ ಸೈನಿಕನು ಹಾಜರಾಗಲಾರದಿದ್ದಾಗ ಸಿವಿಲ್ ಮತ್ತು ಕಂದಾಯ ವ್ಯಾಜ್ಯಗಳ ವಿಚಾರಣೆಯನ್ನು ತಡೆಹಿಡಿಯಲು ಅದು ಅವಕಾಶ ಕೊಡುತ್ತದೆ. ರೂಢಿಯಲ್ಲಿ ಸೈನಿಕನು ತನ್ನ ದೂರನ್ನು ಕಮಾಂಡಿಂಗ್ ಅಧಿಕಾರಿಗೆ ಸಲ್ಲಿಸುತ್ತಾನೆ. ಅವರು ಜಿಲ್ಲಾಧಿಕಾರಿಗೆ ಅಥವಾ ಜಿಲ್ಲಾ ಸೈನಿಕ ಮಂಡಳಿಗೆ ಪತ್ರ ಬರೆಯುತ್ತಾರೆ.

ಬಡಾವಣೆಗೆ ಹೆಸರು ನೀಡಿದ ಡಿ. ದೇವರಾಜ ಅರಸು ಅವರ ಆಡಳಿತಕ್ಕೂ ಈ ವಿಷಯಕ್ಕೂ ಒಂದು ಸಂಬಂಧವಿದೆ. ಅವರ ಕಾಲದಲ್ಲಿ ತಿದ್ದುಪಡಿಯಾಗಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಕರ್ನಾಟಕ ಭೂಸುಧಾರಣೆ ಕಾಯಿದೆಯು ಗೇಣಿ ಪದ್ಧತಿಯನ್ನು ರದ್ದುಪಡಿಸಿ ಉಳುವವನನ್ನೇ ಒಡೆಯನನ್ನಾಗಿಸಿತು. ಆದರೆ ಸೈನಿಕರು ಮತ್ತು ನಾವಿಕರು ಸೇವೆಯಲ್ಲಿರುವಾಗ ತಮ್ಮ ಜಮೀನನ್ನು ಗೇಣಿಗೆ ಕೊಡಲು, ಬಳಿಕ ಅದನ್ನು ಹಿಂಪಡೆಯಲು ಅದೇ ಕಾಯಿದೆ ಅವಕಾಶವನ್ನು ಉಳಿಸಿತು. ದೇಶಸೇವೆಗೆ ಹೋದವನು ಸ್ವಂತ ಉಳುಮೆ ಮಾಡಲಿಲ್ಲವೆಂಬ ಕಾರಣಕ್ಕೆ ಭೂಮಿ ಕಳೆದುಕೊಳ್ಳಬಾರದೆಂಬುದು ಇದರ ತಿರುಳು.

ಸೇನೆಯ ಕಡತಗಳೂ ಅಷ್ಟೇ ಮುಖ್ಯ. ಮದುವೆ, ಮಕ್ಕಳ ಜನನ ಮುಂತಾದ ವಿವರಗಳು ‘ಪಾರ್ಟ್ ಟು ಆರ್ಡರ್’ ಮೂಲಕ ರೆಜಿಮೆಂಟಿನ ದಾಖಲೆ ಕಚೇರಿಯಲ್ಲಿ ನಮೂದಾಗಬೇಕು. ಅವು ಬಿಟ್ಟುಹೋಗಿದ್ದರೆ, ಅಥವಾ ಪತ್ನಿಯ ಹೆಸರು ಆಧಾರ್ ಕಾರ್ಡಿನಲ್ಲಿ ಒಂದು ಬಗೆ, ಸೇನೆಯ ಕಡತದಲ್ಲಿ ಇನ್ನೊಂದು ಬಗೆ ಇದ್ದರೆ, ಕುಟುಂಬ ಪಿಂಚಣಿ ತಡವಾಗುತ್ತದೆ. ಹೆಸರಿನೊಂದಿಗೆ ಊರು ಮತ್ತು ತಂದೆಯ ಹೆಸರಿನ ಮೊದಲಕ್ಷರಗಳನ್ನು ಬರೆಯುವ ಕನ್ನಡದ ರೂಢಿಯಿಂದ ಇಂತಹ ವ್ಯತ್ಯಾಸಗಳು ಸುಲಭವಾಗಿ ಉಂಟಾಗುತ್ತವೆ. ರಜೆಯಲ್ಲಿ ಬಂದಾಗ ಪತಿಪತ್ನಿಯರು ಒಟ್ಟಿಗೆ ಕುಳಿತು ಇವನ್ನು ಸರಿಪಡಿಸಿಕೊಳ್ಳುವುದು ಯಾವ ಉಪನ್ಯಾಸಕ್ಕಿಂತಲೂ ಹೆಚ್ಚಿನ ಭದ್ರತೆ ನೀಡುತ್ತದೆ.

ಸಿಯಾಚಿನ್ ಹಿಮಪಾತ, 2016

ಪಾಲಿನ್ ಬಾಸ್ ವಿವರಿಸಿದ ಅಸ್ಪಷ್ಟ ನಷ್ಟವನ್ನು ಕರ್ನಾಟಕದ ಮೂರು ಮನೆಗಳು ಕೆಲವೇ ದಿನಗಳಲ್ಲಿ ಅನುಭವಿಸಿದವು. 2016ರ ಫೆಬ್ರವರಿ 3ರಂದು ಸಿಯಾಚಿನ್ ಪ್ರದೇಶದಲ್ಲಿ ಸುಮಾರು 19,600 ಅಡಿ ಎತ್ತರದ ಠಾಣೆಯ ಮೇಲೆ ಹಿಮರಾಶಿ ಕುಸಿದು 19ನೇ ಮದ್ರಾಸ್ ಬೆಟಾಲಿಯನ್ನಿನ 10 ಮಂದಿ ಹೂತುಹೋದರು. ಅವರಲ್ಲಿ ಧಾರವಾಡ ಜಿಲ್ಲೆ ಕುಂದಗೋಳ ತಾಲ್ಲೂಕಿನ ಬೆಟದೂರಿನ ಲಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ, ಹಾಸನ ಜಿಲ್ಲೆಯ ಸುಬೇದಾರ್ ನಾಗೇಶ್ ಮತ್ತು ಮೈಸೂರು ಜಿಲ್ಲೆಯ ಸಿಪಾಯಿ ಮಹೇಶ್ ಇದ್ದರು. ಯಾರೂ ಬದುಕಿರುವ ಸಾಧ್ಯತೆ ಇಲ್ಲವೆಂದೇ ಭಾವಿಸಿ ಸಂತಾಪಗಳೂ ಪ್ರಕಟವಾದವು. ಆರು ದಿನಗಳ ನಂತರ ಹನುಮಂತಪ್ಪ ಹಿಮದಡಿ ಜೀವಂತವಾಗಿ ಸಿಕ್ಕರು. ನಾಡಿನಾದ್ಯಂತ ಪ್ರಾರ್ಥನೆಗಳು ನಡೆದವು. ದೆಹಲಿಯ ಸೇನಾ ಆಸ್ಪತ್ರೆಯಲ್ಲಿ ಫೆಬ್ರವರಿ 11ರಂದು ಅವರು ನಿಧನರಾದರು. ಒಂದು ಮನೆ ಒಂಬತ್ತು ದಿನಗಳೊಳಗೆ ಮಗನನ್ನು ಎರಡು ಬಾರಿ ಕಳೆದುಕೊಂಡಿತು. ಉಳಿದೆರಡು ಮನೆಗಳಲ್ಲಿ ಚಿಗುರಿದ ಆಸೆಯೂ ಈಡೇರಲಿಲ್ಲ.

ಮಡಿದವರ ದೇಹವನ್ನು ಹುಟ್ಟೂರಿಗೆ ತರುವ ಪದ್ಧತಿ 1999ರ ಕಾರ್ಗಿಲ್ ಯುದ್ಧದಿಂದೀಚೆಗೆ ವ್ಯಾಪಕವಾಯಿತು. ಕಡೆಯ ದರ್ಶನ ದೊರೆಯುವುದರಿಂದ ಶೋಕಕ್ಕೆ ಒಂದು ನೆಲೆ ಸಿಗುತ್ತದೆ, ಇಡೀ ಊರು ಜೊತೆ ನಿಲ್ಲುತ್ತದೆ. ಕಷ್ಟದ ಕಾಲ ಆರಂಭವಾಗುವುದು ಜನ ಚದುರಿದ ಮೇಲೆ. ಪರಿಹಾರದ ಹಣ ಬಂದಾಗ ಪತ್ನಿ ಮತ್ತು ತಂದೆತಾಯಿಯರ ನಡುವೆ ಹಂಚಿಕೆಯ ಪ್ರಶ್ನೆ ಏಳುತ್ತದೆ. ಎಳೆಯ ವಯಸ್ಸಿನ ವಿಧವೆಯ ಮರುಮದುವೆ, ಆಕೆ ಎಲ್ಲಿ ವಾಸಿಸಬೇಕೆಂಬುದು, ಮಕ್ಕಳು ಯಾರ ಬಳಿ ಇರಬೇಕೆಂಬುದು ಬಂಧುಗಳ ಚರ್ಚೆಗೆ ಒಳಗಾಗುತ್ತವೆ. ‘ವೀರನಾರಿ’ ಎಂಬ ಗೌರವದ ಹೆಸರು ಕೆಲವೊಮ್ಮೆ ಆಕೆ ಎಂದೂ ಅಳಬಾರದೆಂಬ ನಿರೀಕ್ಷೆಯಾಗಿಯೂ ಎರಗುತ್ತದೆ.

ಮಕ್ಕಳು ಮತ್ತು ಹೈಕೋರ್ಟ್ ತೀರ್ಪು

ಉತ್ತರ ಭಾರತದ ಸೇನಾ ನೆಲೆಯಲ್ಲಿ ಹಿಂದಿ, ಇಂಗ್ಲಿಷಿನಲ್ಲಿ ಓದಿದ ಮಗು ಊರಿಗೆ ಬಂದಾಗ ಮನೆಮಾತಾದ ಕನ್ನಡವನ್ನು ಬರೆಯಲು ಹೊಸದಾಗಿ ಕಲಿಯಬೇಕಾಗುತ್ತದೆ. ಉನ್ನತ ವೃತ್ತಿಶಿಕ್ಷಣಕ್ಕೆ ಮಾಜಿ ಸೈನಿಕರ ಮಕ್ಕಳಿಗೆ ಪ್ರಧಾನಮಂತ್ರಿ ವಿದ್ಯಾರ್ಥಿವೇತನವಿದ್ದು, 2019ರಿಂದ ತಿಂಗಳಿಗೆ ಹುಡುಗರಿಗೆ 2,500 ಮತ್ತು ಹುಡುಗಿಯರಿಗೆ 3,000 ರೂಪಾಯಿ ನಿಗದಿಯಾಯಿತು.

ಹೆಣ್ಣುಮಕ್ಕಳ ಹಕ್ಕಿನ ವಿಷಯದಲ್ಲಿ ಕರ್ನಾಟಕ ಹೈಕೋರ್ಟ್ 2023ರ ಜನವರಿಯಲ್ಲಿ ನೀಡಿದ ತೀರ್ಪು ಮಹತ್ವದ್ದು. ಪರಾಕ್ರಮ ಕಾರ್ಯಾಚರಣೆಯ ಕಾಲದಲ್ಲಿ, 2001ರಲ್ಲಿ, ನೆಲಬಾಂಬುಗಳನ್ನು ತೆರವುಗೊಳಿಸುವಾಗ ಮಡಿದ ಸುಬೇದಾರರೊಬ್ಬರ ಮಗಳು ಸರ್ಕಾರಿ ಪದವಿ ಕಾಲೇಜಿನ ಸಹಾಯಕ ಪ್ರಾಧ್ಯಾಪಕ ಹುದ್ದೆಗೆ ಅರ್ಜಿ ಹಾಕಲು ಅವಲಂಬಿತರ ಗುರುತಿನ ಚೀಟಿ ಕೇಳಿದ್ದರು. ಮದುವೆಯಾಗಿದೆಯೆಂಬ ಕಾರಣಕ್ಕೆ ಅದು ನಿರಾಕರಣೆಯಾಗಿತ್ತು. ಮಗನಿಗೆ ಮದುವೆ ಅಡ್ಡಿಯಾಗದಿದ್ದರೆ ಮಗಳಿಗೂ ಆಗಬಾರದೆಂಬ ನೆಲೆಯಲ್ಲಿ ನ್ಯಾಯಮೂರ್ತಿ ಎಂ. ನಾಗಪ್ರಸನ್ನ ಅವರು ಆ ನಿಬಂಧನೆಯನ್ನು ಸಮಾನತೆಗೆ ವಿರುದ್ಧವೆಂದು ರದ್ದುಪಡಿಸಿದರು. ಇಂಗ್ಲಿಷಿನಲ್ಲಿ ಪುರುಷವಾಚಿಯಾಗಿರುವ ‘ಮಾಜಿ ಸೈನಿಕ’ ಎಂಬ ಪದಕ್ಕೆ ಬದಲಾಗಿ ಲಿಂಗತಟಸ್ಥ ಪದವನ್ನು ಬಳಸುವಂತೆಯೂ ನ್ಯಾಯಾಲಯ ಸೂಚಿಸಿತು. 2021ರ ಮೇ ತಿಂಗಳಲ್ಲಿ ಬೆಂಗಳೂರಿನ ಮಿಲಿಟರಿ ಪೊಲೀಸ್ ಕೇಂದ್ರದಿಂದ 83 ಮಹಿಳಾ ಸೈನಿಕರ ಮೊದಲ ತಂಡ ಹೊರಬಂದ ಮೇಲೆ ಈ ಸೂಚನೆ ಕೇವಲ ಭಾಷೆಯ ಪ್ರಶ್ನೆಯಾಗಿ ಉಳಿದಿಲ್ಲ.

ಆರೋಗ್ಯ ಸೇವೆಗಳು

ನಿವೃತ್ತರಿಗೂ ಅವಲಂಬಿತರಿಗೂ 2003ರ ಏಪ್ರಿಲ್‌ನಿಂದ ಮಾಜಿ ಸೈನಿಕರ ಅಂಶದಾಯಿ ಆರೋಗ್ಯ ಯೋಜನೆ (ಇಸಿಎಚ್‌ಎಸ್) ಜಾರಿಯಲ್ಲಿದೆ. ಅಂಗ ಕಳೆದುಕೊಂಡವರಿಗೆ ಪುಣೆಯ ಕೃತಕ ಅಂಗ ಕೇಂದ್ರ, ಬೆನ್ನುಹುರಿಗೆ ಪೆಟ್ಟಾದವರಿಗೆ ಖಡಕಿಯ ಪುನರ್ವಸತಿ ಕೇಂದ್ರಗಳಿವೆ. ಮಾನಸಿಕ ನೆರವಿಗೆ 2022ರ ಅಕ್ಟೋಬರ್ 10ರಂದು ಆರಂಭವಾದ ‘ಟೆಲಿ ಮಾನಸ್’ ಸಹಾಯವಾಣಿ (14416) ಕನ್ನಡದಲ್ಲಿಯೂ ಲಭ್ಯ. ಬೆಂಗಳೂರಿನ ನಿಮ್ಹಾನ್ಸ್ ಅದರ ಕೇಂದ್ರ ಸಂಸ್ಥೆ. ಸಶಸ್ತ್ರ ಪಡೆಗಳಿಗಾಗಿ ಅದರದೇ ವಿಶೇಷ ಘಟಕ 2023ರ ಡಿಸೆಂಬರ್‌ನಲ್ಲಿ ಪುಣೆಯ ಸಶಸ್ತ್ರ ಪಡೆಗಳ ವೈದ್ಯಕೀಯ ಕಾಲೇಜಿನಲ್ಲಿ ಆರಂಭವಾಯಿತು. ಹೆಸರು ಹೊರಬೀಳುವುದೆಂಬ ಅಳುಕಿನಿಂದ ಘಟಕದ ವೈದ್ಯರ ಬಳಿ ಹೋಗದವರಿಗೆ ಫೋನ್ ಸೇವೆ ಸುಲಭದ ದಾರಿ.

ನಿವೃತ್ತಿ ಮತ್ತು ಅಗ್ನಿಪಥ

ಸಿಪಾಯಿಗಳು ಸಾಮಾನ್ಯವಾಗಿ 35–40ರ ವಯಸ್ಸಿನಲ್ಲಿ ನಿವೃತ್ತರಾಗುತ್ತಾರೆ. ಮಕ್ಕಳ ಓದು, ಮನೆ ಕಟ್ಟುವ ಖರ್ಚು ಎರಡೂ ಏರುವ ಕಾಲವದು. ಇಷ್ಟು ವರ್ಷ ಎಲ್ಲವನ್ನೂ ಒಂಟಿಯಾಗಿ ನಿಭಾಯಿಸಿದ ಪತ್ನಿ ಮತ್ತು ಆಜ್ಞೆಯ ಕ್ರಮಕ್ಕೆ ಒಗ್ಗಿದ ಪತಿ ಒಂದೇ ಮನೆಯಲ್ಲಿ ಮತ್ತೆ ಹೊಂದಿಕೊಳ್ಳಬೇಕಾಗುತ್ತದೆ. ಹಿಲ್ ಅವರ ಅಧ್ಯಯನವೂ ಅಗಲಿಕೆಯಷ್ಟೇ ಮರುಕೂಡುವಿಕೆಗೂ ಗಮನ ಕೊಟ್ಟಿತ್ತು.

2022ರ ಜೂನ್ 14ರಂದು ಪ್ರಕಟವಾದ ಅಗ್ನಿಪಥ ಯೋಜನೆಯಲ್ಲಿ ಸೇವೆ ನಾಲ್ಕು ವರ್ಷಗಳದು. ಗರಿಷ್ಠ ಶೇ. 25ರಷ್ಟು ಮಂದಿ ಮಾತ್ರ ಕಾಯಂ ಸೇವೆಗೆ ಆಯ್ಕೆಯಾಗುತ್ತಾರೆ. ಉಳಿದವರಿಗೆ ಸುಮಾರು 11.71 ಲಕ್ಷ ರೂಪಾಯಿಯ ಸೇವಾನಿಧಿ ಸಿಗುತ್ತದೆ, ಪಿಂಚಣಿ ಇರುವುದಿಲ್ಲ. ಪಿಂಚಣಿಯೇ ಮುಖ್ಯ ಆಸರೆಯಾಗಿದ್ದ ಹಳೆಯ ವ್ಯವಸ್ಥೆ ಇಪ್ಪತ್ತರ ಹರೆಯದಲ್ಲಿ ಮನೆಗೆ ಮರಳುವ ಇವರಿಗೆ ಅನ್ವಯಿಸದು.

ಚಲನಚಿತ್ರದಲ್ಲಿ

ಎಸ್.ವಿ. ರಾಜೇಂದ್ರಸಿಂಗ್ ಬಾಬು ನಿರ್ದೇಶನದ ‘ಮುತ್ತಿನ ಹಾರ’ (1990) ಕೊಡವ ಸೈನಿಕ ಮತ್ತು ಸೇನಾ ದಾದಿಯಾದ ಅವನ ಪತ್ನಿಯ ಕಥೆ. ವಿಷ್ಣುವರ್ಧನ್ ಮತ್ತು ಸುಹಾಸಿನಿ ಮುಖ್ಯ ಪಾತ್ರಗಳಲ್ಲಿ ನಟಿಸಿರುವ ಈ ಚಿತ್ರವು ಯುದ್ಧವನ್ನು ಒಂದು ಸಂಸಾರದ ಅಗಲಿಕೆ ಮತ್ತು ನಷ್ಟಗಳ ಮೂಲಕ ನೋಡುತ್ತದೆ.